ಎಮಾಲಿ ಜಂಕ್ಷನ್‌ನಲ್ಲಿ ಗಾಡಿ ಬದಲಿಸುವವರು ದಯವಿಟ್ಟು ಇದನ್ನು ಓದಿ

ಕೀನ್ಯಾಗೆ ಬರುವ ನಮ್ಮವರು ಈಗ ಜಾಸ್ತಿ ಆಗಿದ್ದಾರೆ. ಟೂರ್ ಕಂಪನಿಗೆ ದುಡ್ಡು ಸುರಿಯೋದು ಬೇಡ, ನಾವೇ ಹೋಗೋಣ ಅಂತ ಹೊರಡುವವರೂ ಇದ್ದಾರೆ. ಅಂಬೊಸೆಲಿ ರಾಷ್ಟ್ರೀಯ ಉದ್ಯಾನ ನೋಡಬೇಕು, ಇಲ್ಲಾ ಉತ್ತರ ಬದಿಯ ರೊಂಗಾಯ್ ದಾರಿಯಿಂದ ಕಿಲಿಮಂಜಾರೊ ಹತ್ತಬೇಕು ಅಂದರೆ ಮ್ಯಾಪ್ ನೋಡಿದ ಕೂಡಲೇ ಎಮಾಲಿ ಕಣ್ಣಿಗೆ ಬೀಳುತ್ತದೆ. ನೈರೋಬಿಯಿಂದ ರೈಲಿನಲ್ಲೋ ಬಸ್ಸಿನಲ್ಲೋ ಎಮಾಲಿ, ಅಲ್ಲಿಂದ ಬೇರೆ ಗಾಡಿಯಲ್ಲಿ ಕಿಲಿಮಂಜಾರೊ ಬುಡದ ಗಡಿ ಊರು ಲೊಯಿಟೊಕಿಟೊಕ್. ನೋಡೋಕೆ ಬಹಳ ಸುಲಭ. ಆ ಗಾಡಿ ಬದಲಿಸುವ ಜಾಗದಲ್ಲೇ ನನಗೆ ಆಗಿದ್ದನ್ನು ಹೇಳುತ್ತೇನೆ.

ಮೊದಲು ಊರಿನ ಬಗ್ಗೆ ಸ್ವಲ್ಪ. ಎಮಾಲಿ ಇರುವುದು ನೈರೋಬಿ–ಮೊಂಬಾಸಾ ಹೆದ್ದಾರಿಯ ಮೇಲೆ, ನೈರೋಬಿಯಿಂದ ಸುಮಾರು 120 ಕಿ.ಮೀ. ಮಕುವೇನಿ ಕೌಂಟಿಗೆ ಸೇರಿದ್ದು, ಪಕ್ಕದಲ್ಲೇ ಕಜಿಯಾಡೊ ಗಡಿ. ಕಾಂಬಾ ಜನ ಮತ್ತು ಮಸಾಯಿ ಜನ ಇಬ್ಬರೂ ವ್ಯಾಪಾರಕ್ಕೆ ಬರುವ ಊರು. ಸಂತೆಯ ದಿನ ದನ, ಮೇಕೆ, ಮಾವು, ಕಿತ್ತಳೆ ಎಲ್ಲ ಒಂದೇ ಕಡೆ. ಕಿಲಿಮಂಜಾರೊ ಬುಡದ ಕಿಮಾನಾ ಕಡೆ ಒರತೆ ನೀರಿನಲ್ಲಿ ಬೆಳೆದ ಟೊಮ್ಯಾಟೊ, ಈರುಳ್ಳಿ ಲಾರಿಗಳಲ್ಲಿ ಇದೇ ಜಂಕ್ಷನ್ ದಾಟಿ ನೈರೋಬಿಗೆ ಹೋಗುತ್ತದೆ. ಮೊಂಬಾಸಾ ಬಂದರಿನ ಕಂಟೇನರ್ ಲಾರಿಗಳು ಹಗಲೂ ರಾತ್ರಿ ಓಡುತ್ತಲೇ ಇರುತ್ತವೆ. 2017ರಲ್ಲಿ ಹೊಸ ರೈಲು ಬಂತು, ಎಮಾಲಿಗೂ ಒಂದು ಸ್ಟೇಷನ್ ಸಿಕ್ಕಿತು. ಊರು ಬೇಗ ಬೆಳೆಯುತ್ತಿದೆ. ಹೋಟೆಲು, ಲಾಡ್ಜು, ಹಾರ್ಡ್‌ವೇರ್ ಅಂಗಡಿ ಏನು ಬೇಕಾದರೂ ಇದೆ. ಹೆದ್ದಾರಿ ಚೆನ್ನಾಗಿದೆ, ರೈಲು ಚೆನ್ನಾಗಿದೆ. ಪ್ರಯಾಣಿಕ ಸಿಕ್ಕಿಹಾಕಿಕೊಳ್ಳುವುದು ಇವೆರಡರಿಂದ ಇಳಿದು ಮುಂದಿನ ಗಾಡಿ ಹಿಡಿಯುವ ಆ ಇನ್ನೂರು ಹೆಜ್ಜೆಗಳಲ್ಲಿ.

ನಾನು ಇರುವುದು ನೈರೋಬಿಯಲ್ಲಿ. ಕೆಲಸ ಸೋಲಾರ್ ಪಂಪಿನದು. ಕಿಮಾನಾ, ಲೊಯಿಟೊಕಿಟೊಕ್ ಕಡೆಯ ತೋಟಗಳಿಗೆ ಹೋಗಬೇಕಾಗುತ್ತದೆ. ಯಾವಾಗಲೂ ಕಂಪನಿ ಗಾಡಿ ಇರುತ್ತಿತ್ತು, ಆ ಸಲ ಇರಲಿಲ್ಲ. ಮೊಂಬಾಸಾ ಬಸ್ ಹತ್ತಿ ಮಧ್ಯಾಹ್ನದ ಹೊತ್ತಿಗೆ ಎಮಾಲಿಯಲ್ಲಿ ಇಳಿದೆ. ಇಳಿದೆ ಅನ್ನುವಷ್ಟರಲ್ಲಿ ನಾಲ್ಕೈದು ಜನ ಸುತ್ತುವರಿದರು. ಬಸ್ಸಿನ ಡಿಕ್ಕಿಯಿಂದ ನನ್ನ ಬ್ಯಾಗನ್ನು ನನಗಿಂತ ಮೊದಲು ಅವರೇ ಎತ್ತಿದರು. ಒಬ್ಬ ಅದನ್ನು ತಲೆ ಮೇಲೆ ಹೊತ್ತುಕೊಂಡು ಓಡಿಯೇಬಿಟ್ಟ. ಹಿಂದೆ ಓಡಿ ನೋಡಿದರೆ ಒಂದು ಬಿಳಿ ಪ್ರೊಬಾಕ್ಸ್ ಕಾರು, ಬ್ಯಾಗ್ ಆಗಲೇ ಅದರ ಹಿಂಭಾಗದಲ್ಲಿ, ಅದರ ಮೇಲೆ ಎರಡು ಈರುಳ್ಳಿ ಮೂಟೆ!

ಕಾರಿನೊಳಗೆ ಜನ ಕೂತಿದ್ದರು. 'ಇನ್ನೊಬ್ಬರು ಬಂದರೆ ಸಾಕು, ಹೊರಟೇಬಿಡ್ತೀವಿ' ಅಂದ ಒಬ್ಬ. ರಿಫ್ಲೆಕ್ಟರ್ ಜಾಕೆಟ್ ಹಾಕಿದ್ದ, ಕೈಯಲ್ಲಿ ನೋಟಿನ ಕಟ್ಟು. ಅವನು ಹೇಳಿದ ನಂಬರಿಗೆ ಎಂ-ಪೆಸಾದಲ್ಲಿ (ಇಲ್ಲಿ ಮೊಬೈಲಿನಿಂದಲೇ ದುಡ್ಡು ಕಳಿಸುವ ವ್ಯವಸ್ಥೆ) ದುಡ್ಡು ಕಳಿಸಿದೆ. ಆಮೇಲೆ ಆಟ ಶುರುವಾಯಿತು. ಮುಂದೆ ಕೂತಿದ್ದವನು ಚಹಾ ಕುಡಿಯೋಕೆ ಇಳಿದ, ಹಿಂದಿನ ಇಬ್ಬರು ಏನೋ ಮಾತಾಡುತ್ತಾ ಇಳಿದರು, ಯಾರೂ ವಾಪಸ್ ಬರಲಿಲ್ಲ. ಅವರು ಪ್ರಯಾಣಿಕರೇ ಅಲ್ಲ. ಗಾಡಿ ತುಂಬಿದೆ ಅಂತ ಕಾಣಲಿ ಅಂತ ಸುಮ್ನೆ ಕೂರಿಸಿದ್ದವರು. ಬಿಸಿಲು ಇಳಿಯುವವರೆಗೂ ಅಲ್ಲೇ ಕೂತೆ, ಏಕೆಂದರೆ ಬ್ಯಾಗ್ ಮೂಟೆಗಳ ಅಡಿಯಲ್ಲಿತ್ತು.

ಕೊನೆಗೆ ನಿಜವಾದ ಡ್ರೈವರ್ ಬಂದ. ಬಂದವನೇ ದುಡ್ಡು ಕೇಳಿದ. ಕೊಟ್ಟಿದ್ದೇನೆ ಅಂದರೆ, 'ಯಾರಿಗೆ ಕೊಟ್ಟೆ? ಅವನು ನಮ್ಮವನಲ್ಲ' ಅಂದ. ಜಾಕೆಟ್‌ನವನು ಎಲ್ಲೂ ಕಾಣಲಿಲ್ಲ. ಮೆಸೇಜ್ ತೋರಿಸಿದೆ, ಅದರಲ್ಲಿದ್ದ ಹೆಸರು ನೋಡಿ ಅವನು ತಲೆ ಅಲ್ಲಾಡಿಸಿದ. ಮತ್ತೆ ಕೊಡಬೇಕಾಯಿತು. ಐದು ಜನರ ಕಾರಿನಲ್ಲಿ ಒಂಬತ್ತು ಜನ. ಡ್ರೈವರ್ ತನ್ನ ಸೀಟಿನಲ್ಲೇ ಇನ್ನೊಬ್ಬನನ್ನು ಕೂರಿಸಿಕೊಂಡ, ಗೇರ್ ಹಾಕುವಾಗಲೆಲ್ಲ ಆ ಮನುಷ್ಯ ಕಾಲು ಎತ್ತಬೇಕಿತ್ತು. ಬೆಲ್ಟಿನ ಮಾತೇ ಇಲ್ಲ. ಇಲ್ಲಿ ಭೂಮಧ್ಯರೇಖೆ ಹತ್ತಿರ, ವರ್ಷವಿಡೀ ಆರೂವರೆ ಆಸುಪಾಸಿಗೆ ಸೂರ್ಯ ಮುಳುಗುತ್ತಾನೆ, ಮುಳುಗಿದ ಮೇಲೆ ಸಂಜೆ ಹೆಚ್ಚು ಹೊತ್ತು ಇರಲ್ಲ, ಬೇಗ ಕತ್ತಲು. ಆ ರಸ್ತೆಯಲ್ಲಿ ಕತ್ತಲಾದ ಮೇಲೆ ದನ ಅಡ್ಡ ಬರುತ್ತವೆ, ಕಾಡುಪ್ರಾಣಿಗಳೂ ದಾಟುತ್ತವೆ. ಒಂದು ಕಡೆ ಬ್ರೇಕ್ ಹಾಕಿದ ರಭಸಕ್ಕೆ ನನ್ನ ಮೊಣಕಾಲು ಮುಂದಿನ ಸೀಟಿಗೆ ಬಡಿದು ಊದಿಕೊಂಡಿತು.

ಲೊಯಿಟೊಕಿಟೊಕ್ ತಲುಪಲೂ ಇಲ್ಲ. ಕಿಮಾನಾದಲ್ಲಿ ನಿಲ್ಲಿಸಿ, ಮುಂದಕ್ಕೆ ಈ ಗಾಡಿ ಹೋಗಲ್ಲ, ಆ ಬೋಡಾದಲ್ಲಿ (ಬೈಕ್ ಟ್ಯಾಕ್ಸಿ) ಹೋಗಿ ಅಂದರು. ಪ್ರಯಾಣಿಕರನ್ನು ಹೀಗೆ ಇನ್ನೊಬ್ಬರಿಗೆ ಮಾರುವುದು ಇಲ್ಲಿ ಮಾಮೂಲು. ಇಲ್ಲಿನವರೂ ಇದಕ್ಕೆ ಬೈಯುತ್ತಾರೆ. ರಾತ್ರಿ, ಬೈಕಿನಲ್ಲಿ, ಬ್ಯಾಗ್ ಹಿಡಿದುಕೊಂಡು ಆ ರಸ್ತೆಯಲ್ಲಿ ಹೋಗಲು ನಾನು ಒಪ್ಪಲಿಲ್ಲ. ಟೊಮ್ಯಾಟೊ ಅಂಗಡಿಯ ಹೆಂಗಸೊಬ್ಬರು ಇದನ್ನೆಲ್ಲ ನೋಡುತ್ತಿದ್ದರು. ಅಂಗಡಿ ಮುಚ್ಚಿ, ತಾವೇ ಲಾಡ್ಜಿನವರೆಗೆ ಬಂದು, ರೂಮಿನ ಬಾಗಿಲು ಸರಿಯಾಗಿ ಹಾಕಿಕೊಳ್ಳುತ್ತದಾ ಅಂತ ಎಳೆದು ನೋಡಿ ಹೋದರು. ಅವರಿಗೆ ಎಷ್ಟು ಋಣಿಯಾಗಿದ್ದರೂ ಸಾಲದು. ರೂಮಿನಲ್ಲಿ ನೋಡಿದರೆ ಬ್ಯಾಗಿನ ಜಿಪ್ ಒಡೆದಿತ್ತು. ಪಂಪ್ ಕಂಟ್ರೋಲರ್‌ನ ಬೋರ್ಡ್ ಹೋಗಿತ್ತು, ಪವರ್ ಬ್ಯಾಂಕ್ ಹೋಗಿತ್ತು. ಕದ್ದವನಿಗೆ ಆ ಬೋರ್ಡಿನಿಂದ ಏನೂ ಸಿಗಲ್ಲ, ಆದರೆ ಅಲ್ಲೊಬ್ಬ ರೈತನ ಬೆಳೆಗೆ ವಾರಗಟ್ಟಲೆ ನೀರಿಲ್ಲ. ನನಗೆ ಈಗಲೂ ಹೊಟ್ಟೆ ಉರಿಯುವುದು ಅದಕ್ಕೇ.

ಹಾಗಾಗಿ ಎಮಾಲಿಯಲ್ಲಿ ಇಳಿಯುವ ಮೊದಲೇ ಬ್ಯಾಗ್ ಕಾಲ ಬಳಿ ಇಟ್ಟುಕೊಳ್ಳಿ, ಡಿಕ್ಕಿಗೆ ಹಾಕಬೇಡಿ. ಗಾಡಿ ಹೊರಡುವ ತನಕ ಯಾರಿಗೂ ದುಡ್ಡು ಕೊಡಬೇಡಿ, ಇಲ್ಲಿನ ಜನ ದಾರಿಯಲ್ಲೇ ಕೊಡುವುದು, ನೀವೂ ಹಾಗೇ ಮಾಡಿದರೆ ಯಾರೂ ಬೇಡ ಅನ್ನಲ್ಲ. ಎಂ-ಪೆಸಾದಲ್ಲಿ ಕಳಿಸುವಾಗ ಬರುವ ಹೆಸರನ್ನು ಡ್ರೈವರ್ ಮುಂದೆ ಜೋರಾಗಿ ಓದಿ. ತಪ್ಪು ನಂಬರಿಗೆ ಹೋದರೆ ಆ ಮೆಸೇಜನ್ನು ತಕ್ಷಣ 456ಕ್ಕೆ ಫಾರ್ವರ್ಡ್ ಮಾಡಬಹುದು, ಆದರೆ ಅಷ್ಟರಲ್ಲಿ ಅವನು ದುಡ್ಡು ತೆಗೆದುಬಿಟ್ಟಿದ್ದರೆ ಕಷ್ಟ. ಹಳದಿ ಪಟ್ಟಿ, ಬಾಗಿಲ ಮೇಲೆ ಸ್ಯಾಕೊ (ಗಾಡಿ ಮಾಲೀಕರ ಸಹಕಾರ ಸಂಘ) ಹೆಸರು ಇರುವ 14 ಸೀಟಿನ ಮಟಾಟು, ಅಂದರೆ ಬಾಡಿಗೆ ವ್ಯಾನು, ಸಿಕ್ಕರೆ ಅದನ್ನೇ ಹತ್ತಿ. ಏನಾದರೂ ಆದರೆ ದೂರು ಕೊಡಲು ಒಂದು ವಿಳಾಸವಾದರೂ ಇರುತ್ತದೆ. ಗಾಡಿ ನಂಬರಿನ ಫೋಟೊ ತೆಗೆದಿಡಿ. ಕಳ್ಳತನವಾದರೆ ಪೊಲೀಸ್ ಠಾಣೆಯಲ್ಲಿ ಒಬಿ ನಂಬರ್ (ದೂರು ದಾಖಲಾದ ಪುಸ್ತಕದ ನಂಬರ್) ಬರೆಸಿಕೊಳ್ಳದೆ ಹೊರಗೆ ಬರಬೇಡಿ, ಇನ್ಶೂರೆನ್ಸ್‌ನವರು ಮೊದಲು ಕೇಳುವುದೇ ಅದು.

ರೈಲಿನಲ್ಲಿ ಬರುವವರಿಗೆ ಇನ್ನೊಂದು ಮಾತು. ಎಲ್ಲಾ ರೈಲೂ ಎಮಾಲಿಯಲ್ಲಿ ನಿಲ್ಲಲ್ಲ. ಬೆಳಿಗ್ಗೆ ಹೊರಡುವ ಇಂಟರ್ ಕೌಂಟಿ ರೈಲನ್ನೇ ಬುಕ್ ಮಾಡಿ. ಅದರಲ್ಲಿ ಬಂದರೆ ಮಧ್ಯಾಹ್ನಕ್ಕೆ ಮೊದಲೇ ಇಳಿಯುತ್ತೀರಿ, ಮುಂದಿನ ಸುಮಾರು 100 ಕಿ.ಮೀ. ಬೆಳಕಿನಲ್ಲೇ ಮುಗಿಯುತ್ತದೆ. ಮಧ್ಯಾಹ್ನ ಮೂರರ ಮೇಲೆ ಎಮಾಲಿ ತಲುಪಿದರೆ ಮುಂದೆ ಹೋಗುವ ಯೋಚನೆ ಬಿಡಿ. ಅಲ್ಲೇ ಉಳಿಯಿರಿ, ಇಲ್ಲಾ ಹೆದ್ದಾರಿಯಲ್ಲೇ ಇನ್ನೂ 40 ಕಿ.ಮೀ. ಮೊಂಬಾಸಾ ಕಡೆ ಹೋದರೆ ಮಕಿಂಡು. ಅಲ್ಲಿ ಹಿಂದೆ ರೈಲ್ವೆ ಕೆಲಸಕ್ಕೆ ಬಂದ ಸಿಖ್ಖರು ಕಟ್ಟಿದ ಗುರುದ್ವಾರ ಇದೆ, ದಾರಿಹೋಕರಿಗೆ ಬಿಸಿ ಊಟ ಹಾಕುತ್ತಾರೆ, ತಂಗಲು ಜಾಗವೂ ಇದೆ.

ಇಷ್ಟೆಲ್ಲ ತಲೆನೋವು ಬೇಡ ಅನ್ನುವವರಿಗೆ ನೈರೋಬಿಯಿಂದಲೇ ಲೊಯಿಟೊಕಿಟೊಕ್‌ಗೆ ನೇರ ಮಟಾಟು ಸಿಗುತ್ತದೆ. ಅದೂ ಎಮಾಲಿ ಮೇಲೇ ಹೋಗುತ್ತದೆ, ನೀವು ಇಳಿಯಬೇಕಾಗಿಲ್ಲ ಅಷ್ಟೇ. ನಾನು ಈಗ ಹೋಗುವುದು ಅದರಲ್ಲೇ.