ಅಥೆನ್ಸಿನ ಅಡುಗೆಮನೆಯೋ, ಝಗೋರಿಯ ಹಳ್ಳಿಯೋ: ಗ್ರೀಕ್ ‘ಪಿತಾ’ ಕಲಿಯಲು ಹಣ ಎಲ್ಲಿ ಹಾಕಬೇಕು?

ಅಥೆನ್ಸಿನಲ್ಲಿ 90 ಯೂರೋ ಕೊಟ್ಟು ಮೂರೂವರೆ ಗಂಟೆಯಲ್ಲಿ ಕಲಿತದ್ದನ್ನು ಮೈಸೂರಿಗೆ ಮರಳಿದ ಮೇಲೆ ನಾನು ಒಮ್ಮೆಯೂ ಮಾಡಲಿಲ್ಲ. ಅಲ್ಲಿಂದ ಸುಮಾರು ಆರು ಗಂಟೆ ಬಸ್ಸಿನಲ್ಲಿ ಕುಳಿತು ಹೋಗಿ, ಪಿಂಡಸ್ ಬೆಟ್ಟಸಾಲಿನ ಒಂದು ಹಳ್ಳಿಯ ಮನೆಯಲ್ಲಿ 55 ಯೂರೋಗೆ ಇಡೀ ದಿನ ಕಲಿತದ್ದನ್ನು ತಿಂಗಳಿಗೆ ಎರಡು ಬಾರಿಯಾದರೂ ಮಾಡುತ್ತಿದ್ದೇನೆ. ಆದ್ದರಿಂದ ನನ್ನ ಒಲವು ಯಾವ ಕಡೆಗಿದೆ ಎಂಬುದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ಆದರೆ ಹಳ್ಳಿಯ ತರಗತಿಗೂ ಅದರದೇ ಆದ ತೊಡಕುಗಳಿದ್ದವು, ಅವುಗಳಲ್ಲಿ ಒಂದಂತೂ ನನ್ನನ್ನು ಅಳುವ ಹಂತಕ್ಕೆ ತಂದಿತ್ತು.

ನಮ್ಮ ಕಿವಿಗೆ ‘ತಂದೆ’ ಎಂದೇ ಕೇಳಿಸುವ ಈ ‘ಪಿತಾ’ ಎಂಬ ಗ್ರೀಕ್ ಪದಕ್ಕೂ, ಹೋಟೆಲುಗಳಲ್ಲಿ ಹಮ್ಮಸ್ ಜೊತೆಗೆ ಬರುವ ಪಿಟಾ ರೊಟ್ಟಿಗೂ ಗೊಂದಲ ಬೇಡ. ನಾನು ಹೇಳುತ್ತಿರುವುದು ತೆಳುವಾಗಿ ಲಟ್ಟಿಸಿದ ಹಾಳೆಗಳ ನಡುವೆ ಸೊಪ್ಪು, ಚೀಸ್, ಈರುಳ್ಳಿ ಜಾತಿಯ ಲೀಕ್ ಅಥವಾ ಮಾಂಸದ ಹೂರಣವಿಟ್ಟು, ದೊಡ್ಡ ದುಂಡು ತಟ್ಟೆಯಲ್ಲಿ ಬೇಯಿಸಿ, ಹೋಳು ಮಾಡಿ ತಿನ್ನುವ ಪದಾರ್ಥವನ್ನು. ಹಾಳೆಗೆ ಅವರು ‘ಫಿಲೊ’ ಎನ್ನುತ್ತಾರೆ, ಹಾಗೆಂದರೆ ಎಲೆ. ಗ್ರೀಸಿನ ವಾಯವ್ಯ ಭಾಗದ ಎಪಿರಸ್ ಪ್ರಾಂತ್ಯ ಇದಕ್ಕೆ ಹೆಸರಾದ ಸೀಮೆ. ಕುರಿ ಮೇಯಿಸಿಕೊಂಡು ಬೆಟ್ಟದಿಂದ ಬಯಲಿಗೆ, ಬಯಲಿನಿಂದ ಬೆಟ್ಟಕ್ಕೆ ಅಲೆಯುತ್ತಿದ್ದ ಸರಕತ್ಸಾನಿ ಮತ್ತು ವ್ಲಾಖ್ ಜನರಿಗೆ ಹಿಟ್ಟು, ಕುರಿಹಾಲಿನ ಚೀಸ್ ಮತ್ತು ದಾರಿಬದಿಯ ಸೊಪ್ಪು ಇಷ್ಟರಲ್ಲೇ ಒಂದು ಕುಟುಂಬದ ಊಟ ಮುಗಿಯಬೇಕಿತ್ತು, ಹೊತ್ತೊಯ್ಯಲೂ ಅನುಕೂಲವಾಗಬೇಕಿತ್ತು.

ಮೊದಲು ಅಥೆನ್ಸಿನ ತರಗತಿಯ ಬಗ್ಗೆ ನ್ಯಾಯವಾಗಿ ಹೇಳಬೇಕಾದದ್ದನ್ನು ಹೇಳುತ್ತೇನೆ. ಸ್ಥಳ ಮೆಟ್ರೊ ನಿಲ್ದಾಣದಿಂದ ಐದು ನಿಮಿಷದ ನಡಿಗೆಯಲ್ಲಿತ್ತು, ಕಲಿಸಿದವರು ಸೊಗಸಾದ ಇಂಗ್ಲಿಷ್ ಮಾತನಾಡುತ್ತಿದ್ದರು, ಅಳತೆಗಳೆಲ್ಲ ಗ್ರಾಮಿನಲ್ಲಿ ಮುದ್ರಿತವಾಗಿದ್ದವು, ಮನೆಗೆ ಒಯ್ಯಲು ಒಂದು ಒಳ್ಳೆಯ ಏಪ್ರನ್ ಕೂಡ ಕೊಟ್ಟರು. ಹಾಳೆಗಳ ನಡುವೆ ಎಣ್ಣೆಯನ್ನು ಬಳಿಯುವುದಕ್ಕಿಂತ ಚಿಮುಕಿಸಿದರೆ ಗರಿಗರಿ ಹೆಚ್ಚು ಎಂಬುದನ್ನೂ, ಒಲೆಗೆ ಇಡುವ ಮೊದಲೇ ಮೇಲಿನ ಹಾಳೆಗಳನ್ನು ಹೋಳಿನ ಆಕಾರಕ್ಕೆ ಗೀರಿಡದಿದ್ದರೆ ಹಬೆ ಹೊರಹೋಗಲು ದಾರಿಯಿಲ್ಲದೆ ಮೇಲ್ಭಾಗ ಉಬ್ಬಿ, ಕತ್ತರಿಸುವಾಗ ಚೂರುಚೂರಾಗುತ್ತದೆ ಎಂಬುದನ್ನೂ ನಾನು ಕಲಿತದ್ದು ಅಲ್ಲಿಯೇ.

ಆದರೆ ಕಣಕವನ್ನು ಅವರು ಮೊದಲೇ ನಾದಿ ಇಟ್ಟಿದ್ದರು. ನಮ್ಮ ಹನ್ನೊಂದು ಜನರಿಗೆ ತಲಾ ಒಂದು ನಿಂಬೆ ಗಾತ್ರದ ಉಂಡೆ ಕೊಟ್ಟು, ಅದನ್ನು ಅಂಗೈಯಗಲಕ್ಕೆ ಲಟ್ಟಿಸಲು ಹೇಳಿ, ಫೋಟೊ ತೆಗೆಸಿದರು. ಅದಾದ ಮೇಲೆ ತಟ್ಟೆಗೆ ಹೋದದ್ದೆಲ್ಲ ಪೊಟ್ಟಣದಿಂದ ತೆಗೆದ, ಯಂತ್ರದಲ್ಲಿ ತಯಾರಾದ ಹಾಳೆಗಳು. ಆ ಹಾಳೆಯ ಬಗ್ಗೆ ನನಗೆ ತಕರಾರಿಲ್ಲ, ಗ್ರೀಸಿನ ಮನೆಗಳಲ್ಲೂ ಅದು ನಿತ್ಯ ಬಳಕೆಯಲ್ಲಿದೆ. ಆದರೆ ಪೊಟ್ಟಣ ಬಿಡಿಸಿ ಹೂರಣ ತುಂಬುವುದನ್ನು ಕಲಿಯಲು 90 ಯೂರೋ ಬೇಕಾಗಿರಲಿಲ್ಲ. ಹೋಳಿಗೆ ಕಲಿಯಲು ಬಂದವರಿಗೆ ಅಂಗಡಿಯ ಹೋಳಿಗೆಯನ್ನು ಕಾವಲಿಯ ಮೇಲೆ ಬಿಸಿ ಮಾಡಲು ಹೇಳಿದಂತಾಯಿತು.

ಆ ಸಂಜೆಯೇ ಎಪಿರಸ್‌ನ ಯೊಆನಿನಾ ಪಟ್ಟಣಕ್ಕೆ ಬಸ್ ಟಿಕೆಟ್ ಕಾದಿರಿಸಿದೆ. ಯೊಆನಿನಾದಿಂದ ಮೇಲಕ್ಕೆ ಝಗೋರಿ ಎಂಬ 46 ಹಳ್ಳಿಗಳ ಸೀಮೆ ಇದೆ. ಕಲ್ಲಿನ ಗೋಡೆ, ಕಲ್ಲು ಚಪ್ಪಡಿಯ ಮಾಡು, ಕಮಾನಿನ ಕಲ್ಲುಸೇತುವೆಗಳ ಈ ಸೀಮೆ 2023ರಲ್ಲಿ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಚಿತ್ರದಂಥ ಊರುಗಳೇನೋ ನಿಜ, ಆದರೆ ಹಳ್ಳಿಗೆ ಬಸ್ ದಿನವೂ ಇರಲಿಲ್ಲ. ನಾನು ತಲುಪಿದ ದಿನ ಇರಲೇ ಇಲ್ಲ. ಟ್ಯಾಕ್ಸಿಗೆ ಹೋಗಿಬರಲು ತರಗತಿಯ ಶುಲ್ಕಕ್ಕಿಂತ ಹೆಚ್ಚು ತೆರಬೇಕಾಯಿತು, ಒಂದು ರಾತ್ರಿಯ ವಾಸ್ತವ್ಯದ ಖರ್ಚು ಬೇರೆ. 55 ಯೂರೋ ಎಂಬ ಅಂಕಿಯನ್ನಷ್ಟೇ ನೋಡಿ ಹಳ್ಳಿಯ ತರಗತಿ ಅಗ್ಗವೆಂದು ಯಾರೂ ಲೆಕ್ಕ ಹಾಕಬಾರದು.

ಕಲಿಸಿದ ಹಿರಿಯ ಮಹಿಳೆಗೆ ಎಪ್ಪತ್ತು ದಾಟಿರಬೇಕು. ಎಲ್ಲರೂ ‘ಕಿರಿಯಾ’ ಎಂದು ಕರೆಯುತ್ತಿದ್ದರಿಂದ ನಾನೂ ಹಾಗೆಯೇ ಕರೆದೆ, ಅದು ನಮ್ಮ ‘ಅಮ್ಮನವರೇ’ ಎಂಬಂಥ ಗೌರವದ ಮಾತು. ಅವರಿಗೆ ಇಂಗ್ಲಿಷ್ ಬಾರದು. ಸೊಸೆ ಅನುವಾದಿಸುತ್ತಿದ್ದರು, ಆದರೆ ಕೋಳಿಗಳಿಗೆ ಕಾಳು ಹಾಕಲು ಹೋದಾಗಲೆಲ್ಲ ಅನುವಾದ ನಿಂತುಹೋಗುತ್ತಿತ್ತು. ಕಲಿಯಲು ಇದ್ದವರು ನಾವು ಮೂವರು ಮಾತ್ರ.

ಬೆಳಿಗ್ಗೆ ಎಂಟಕ್ಕೆ ಬುಟ್ಟಿ ಹಿಡಿದು ಸೊಪ್ಪು ಕೊಯ್ಯುವುದರಿಂದ ಪಾಠ ಆರಂಭವಾಯಿತು. ಮುಟ್ಟಿದರೆ ಉರಿಯುವ ತುರಿಕೆ ಗಿಡದ ಎಳೆ ಚಿಗುರು, ನಮ್ಮ ಚುಕ್ಕೆ ಸೊಪ್ಪಿನ ಬಳಗಕ್ಕೆ ಸೇರಿದ ‘ಲಾಪಥೊ’, ಹಿತ್ತಲಿನ ಲೀಕ್ ಮತ್ತು ಈರುಳ್ಳಿ ಸೊಪ್ಪು, ಕೊನೆಗೆ ಒಂದು ದೊಡ್ಡ ಹಿಡಿ ಸಬ್ಬಸಿಗೆ. ಸಬ್ಬಸಿಗೆಯ ವಾಸನೆ ಬಂದೊಡನೆ ನನಗೆ ಅರ್ಧ ಧೈರ್ಯ ಬಂತು, ಅಕ್ಕಿರೊಟ್ಟಿಯಲ್ಲಿ ಅದನ್ನು ತಿಂದೇ ಬೆಳೆದವಳು ನಾನು. ಸೊಪ್ಪನ್ನು ಬೇಯಿಸುವುದಿಲ್ಲ. ಹಸಿಯಾಗಿಯೇ ಹೆಚ್ಚಿ, ಉಪ್ಪು ಹಾಕಿ ಕಿವುಚಿ, ಬಿಟ್ಟ ನೀರನ್ನು ಹಿಂಡಿ ತೆಗೆಯುತ್ತಾರೆ; ಆಮೇಲೂ ಕೆಳಗಿನ ಹಾಳೆಯ ಮೇಲೆ ಒಂದು ಹಿಡಿ ‘ತ್ರಖನಾ’ ಉದುರಿಸುತ್ತಾರೆ. ಇದು ಹುಳಿ ಹಾಲಿನಲ್ಲಿ ಗೋಧಿಯನ್ನು ಬೇಯಿಸಿ ಒಣಗಿಸಿದ ನುಚ್ಚು, ಉಳಿದ ನೀರನ್ನೆಲ್ಲ ಅದೇ ಹೀರಿಕೊಳ್ಳುತ್ತದೆ. ಮೈಸೂರಿನಲ್ಲಿ ನಾನು ಅದರ ಬದಲು ಬನ್ಸಿ ರವೆ ಉದುರಿಸುತ್ತೇನೆ, ತಳ ಮೆತ್ತಗಾಗುವ ಕಾಟ ತಪ್ಪಿದೆ.

ಅಳತೆಯ ವಿಷಯದಲ್ಲಿ ಹಳ್ಳಿಯ ತರಗತಿಗೆ ಸೊನ್ನೆ ಅಂಕ. ಹಿಟ್ಟು ಎಷ್ಟು ಎಂದು ಕೇಳಿದರೆ ಕಿರಿಯಾ ಅವರ ಉತ್ತರ ಒಂದೇ: ‘ಒಸೊ ಪಾರಿ’, ಅಂದರೆ ಅದು ತೆಗೆದುಕೊಂಡಷ್ಟು. ನನ್ನ ಅಮ್ಮನೂ ‘ಹಿಡಿದಷ್ಟು’ ಎಂದೇ ಹೇಳುತ್ತಿದ್ದುದರಿಂದ ನನಗೆ ಸಿಟ್ಟು ಬರಲಿಲ್ಲ, ಜೊತೆಗಿದ್ದ ಇಬ್ಬರು ಮಾತ್ರ ಪುಸ್ತಕ ಮುಚ್ಚಿಟ್ಟುಬಿಟ್ಟರು. ನಾನು ಎರಡನೆಯ ಸುತ್ತಿನಲ್ಲಿ ತಕ್ಕಡಿ ಕೇಳಿ ತೂಗಿ ಬರೆದುಕೊಂಡೆ: 500 ಗ್ರಾಂ ಹಿಟ್ಟಿಗೆ ಸುಮಾರು 270 ಮಿಲಿಲೀಟರ್ ಉಗುರುಬೆಚ್ಚಗಿನ ನೀರು, ಮೂರು ದೊಡ್ಡ ಚಮಚ ಆಲಿವ್ ಎಣ್ಣೆ, ಒಂದು ದೊಡ್ಡ ಚಮಚ ವಿನೆಗರ್, ಒಂದು ಸಣ್ಣ ಚಮಚ ಉಪ್ಪು. ನಾದಿದ ಮೇಲೆ ಕನಿಷ್ಠ ಅರ್ಧ ಗಂಟೆ ಮುಚ್ಚಿಡಬೇಕು.

ಇನ್ನು ನನ್ನನ್ನು ಅಳುವ ಹಂತಕ್ಕೆ ತಂದ ಕೋಲಿನ ಕಥೆ. ಅಲ್ಲಿ ಲಟ್ಟಿಸುವುದು ನಮ್ಮ ಲಟ್ಟಣಿಗೆಯಂಥದ್ದರಿಂದಲ್ಲ. ಹೆಬ್ಬೆರಳಿನಷ್ಟು ದಪ್ಪದ, ತುದಿಯಿಂದ ತುದಿಗೆ ಒಂದೇ ಸಮನಾದ, ಸುಮಾರು 80 ಸೆಂಟಿಮೀಟರ್ ಉದ್ದದ ಕೋಲು ಅದು, ‘ವೆರ್ಗಾ’ ಎನ್ನುತ್ತಾರೆ. ಉಂಡೆಯನ್ನು ಮೊದಲು ಊಟದ ತಟ್ಟೆಯಗಲಕ್ಕೆ ಚಪಾತಿಯಂತೆ ಲಟ್ಟಿಸಿ, ಮೇಲೆ ಜೋಳದ ಪಿಷ್ಟ, ಅಂದರೆ ನಮ್ಮ ಕಾರ್ನ್ ಫ್ಲೋರ್, ಉದುರಿಸಿ, ಅಂಚಿಗೆ ಕೋಲನ್ನಿಟ್ಟು ಹಾಳೆಯನ್ನು ಚಾಪೆ ಸುತ್ತುವಂತೆ ಅದಕ್ಕೆ ಸುತ್ತಬೇಕು. ಸುತ್ತಿದ ಮೇಲೆ ಕೋಲನ್ನು ಹಿಂದೆ ಮುಂದೆ ಉರುಳಿಸುತ್ತಲೇ ಎರಡೂ ಅಂಗೈಗಳನ್ನು ನಡುವಿನಿಂದ ತುದಿಗಳ ಕಡೆಗೆ ಜಾರಿಸಬೇಕು, ಬಿಡಿಸಬೇಕು, ಕಾಲುಸುತ್ತು ತಿರುಗಿಸಿ ಮತ್ತೆ ಸುತ್ತಬೇಕು. ಹೀಗೆ ನಾಲ್ಕೈದು ಬಾರಿ ಮಾಡಿದರೆ ಹಾಳೆ ತಟ್ಟೆಯನ್ನು ಮೀರಿ ಹರಡುತ್ತದೆ, ಅದರ ಮೂಲಕ ಹಲಗೆಯ ಗೆರೆಗಳು ಕಾಣಿಸುತ್ತವೆ. ಕಿರಿಯಾ ಅವರಿಗೆ ಒಂದು ಹಾಳೆಗೆ ಎರಡು ನಿಮಿಷವೂ ಬೇಕಾಗಲಿಲ್ಲ.

ನಲವತ್ತು ವರ್ಷ ಚಪಾತಿ ಲಟ್ಟಿಸಿದ ನನ್ನ ಕೈಗೆ ಗೊತ್ತಿದ್ದದ್ದು ಒತ್ತುವುದೊಂದೇ. ಚಪಾತಿಯಲ್ಲಿ ಒತ್ತಡವೇ ಹಿಟ್ಟನ್ನು ತಿರುಗಿಸುತ್ತದೆ. ಇಲ್ಲಿ ಒತ್ತಿದರೆ ಕೋಲಿನ ಸುತ್ತಲಿನ ಪದರಗಳು ಒಂದಕ್ಕೊಂದು ಅಂಟಿ ಬೆಸುಗೆಯಾಗಿಬಿಡುತ್ತವೆ. ನನ್ನ ಮೊದಲ ಹಾಳೆ ಬಿಚ್ಚಿಕೊಳ್ಳಲೇ ಇಲ್ಲ, ಕೋಲಿನಿಂದ ಕೊಳವೆಯಂತೆ ಜಾರಿ ಬಂತು. ಹೆದರಿ ಎರಡನೆಯದಕ್ಕೆ ಪಿಷ್ಟವನ್ನು ಬೊಗಸೆಗಟ್ಟಲೆ ಸುರಿದೆ. ಅದು ಅಂಟಲಿಲ್ಲ, ಆದರೆ ಒಣಗಿ ಅಂಚೆಲ್ಲ ಸೀಳಿತು. ಮೂರನೆಯದು ನಡುವೆ ಈರುಳ್ಳಿ ಸಿಪ್ಪೆಯಂತೆ, ಸುತ್ತಲೂ ರೊಟ್ಟಿಯಂತೆ ಆಯಿತು. ನಾಲ್ಕನೆಯದು ಹರಿದಾಗ ಸೊಸೆ ಕೋಳಿಗಳ ಬಳಿ ಇದ್ದರು, ನನ್ನ ಸಂಕಟವನ್ನು ಅನುವಾದಿಸುವವರೂ ಇರಲಿಲ್ಲ.

ಆಗ ಕಿರಿಯಾ ನನ್ನ ಹಿಂದೆ ಬಂದು ನಿಂತು, ನನ್ನ ಕೈಗಳ ಮೇಲೆ ತಮ್ಮ ಕೈಗಳನ್ನಿಟ್ಟು, ‘ಸಿಗಾ, ಸಿಗಾ’ ಎಂದರು. ನಿಧಾನ, ನಿಧಾನ. ಅವರ ಅಂಗೈಯ ಭಾರ ನನಗೆ ತಿಳಿಯುವಷ್ಟೂ ಇರಲಿಲ್ಲ. ದೇವರ ದೀಪಕ್ಕೆ ಹತ್ತಿಯ ಬತ್ತಿ ಹೊಸೆಯುವಾಗ ಅಂಗೈ ಎಷ್ಟು ಹಗುರವಾಗಿರುತ್ತದೆಯೋ ಅಷ್ಟೇ ಹಗುರ. ಶಕ್ತಿಯೆಲ್ಲ ಕೆಳಕ್ಕಲ್ಲ, ಪಕ್ಕಕ್ಕೆ. ಬತ್ತಿ ಹೊಸೆಯುವುದು ನನಗೆ ಬರುತ್ತದೆ. ಐದನೆಯ ಹಾಳೆ ಬಿಚ್ಚಿಕೊಂಡಿತು, ಪೂರ್ತಿ ದುಂಡಗಿರಲಿಲ್ಲ, ಆದರೆ ಒಂದೇ ತುಂಡಾಗಿತ್ತು. ಹರಿದವುಗಳನ್ನು ಅವರು ಎಸೆಯಲಿಲ್ಲ, ನಡುವಿನ ಪದರಗಳಾಗಿ ಹಾಸಿ, ಮುಖಕ್ಕೆ ನನ್ನ ಐದನೆಯದನ್ನೇ ಮುಚ್ಚಿದರು. ಅಥೆನ್ಸಿನಲ್ಲಿ ಈ ತೊಂದರೆ ಬರಲೇ ಇಲ್ಲ, ಏಕೆಂದರೆ ಅಲ್ಲಿ ಯಾರೂ ದೊಡ್ಡ ಹಾಳೆ ಲಟ್ಟಿಸಲೇ ಇಲ್ಲ.

ಮತ್ತೊಂದು ವಿಧಾನವನ್ನೂ ತೋರಿಸಿದರು: ಪೂರಿಯಗಲದ ಬಿಲ್ಲೆಗಳ ನಡುವೆ ಜಿಡ್ಡು ಸವರಿ, ಒಂದರ ಮೇಲೊಂದು ಪೇರಿಸಿ, ಒಟ್ಟಿಗೆ ಒಂದೇ ಹಾಳೆಯಾಗಿ ಲಟ್ಟಿಸುವುದು. ಚಿರೋಟಿಗೆ ಸಾಟಿ ಹಚ್ಚಿದವರಿಗೆ ಇದು ಹೊಸ ಪಾಠವೇನಲ್ಲ.

ಸಸ್ಯಾಹಾರಿಗಳಿಗೆ ಒಂದು ಮಾತು. ಅಥೆನ್ಸಿನಲ್ಲಿ ಅರ್ಜಿಯಲ್ಲಿ ಗುರುತು ಹಾಕಿದರೆ ಸಾಕು, ಮಾಂಸವಿಲ್ಲದ್ದನ್ನು ಕೊಡುತ್ತಾರೆ. ಆದರೆ ಸಾಂಪ್ರದಾಯಿಕ ಫೆಟಾ ಚೀಸನ್ನು ಹೆಪ್ಪುಗಟ್ಟಿಸಲು ಬಳಸುವುದು ಎಳೆಯ ಪ್ರಾಣಿಗಳ ಜಠರದಿಂದ ತೆಗೆದ ರೆನೆಟ್ ಎಂಬುದನ್ನು ಕಟ್ಟುನಿಟ್ಟಿನವರು ತಿಳಿದಿರಬೇಕು. ನಾನು ಹೋದದ್ದು ಏಪ್ರಿಲ್‌ನಲ್ಲಿ, ಈಸ್ಟರ್ ಮುಂಚಿನ ದೊಡ್ಡ ಉಪವಾಸದ ಕಾಲ. ಆ ದಿನಗಳಲ್ಲಿ ಆರ್ಥೊಡಾಕ್ಸ್ ಪಂಥದ ಕ್ರೈಸ್ತ ವ್ರತನಿಷ್ಠರು ಮಾಂಸ, ಮೊಟ್ಟೆ, ಹಾಲು ಯಾವುದನ್ನೂ ಮುಟ್ಟುವುದಿಲ್ಲವಾದ್ದರಿಂದ ಸೊಪ್ಪಿನ ಪಿತಾ ಬರೀ ಎಣ್ಣೆಯಲ್ಲೇ ಆಗುತ್ತದೆ. ‘ನಿಸ್ತಿಸಿಮೊ’, ಅಂದರೆ ಉಪವಾಸದ್ದು, ಎಂಬ ಒಂದೇ ಪದ ಕಲಿತರೆ ಗ್ರೀಸಿನಲ್ಲಿ ನಮ್ಮಂಥವರ ಊಟ ಬಹಳ ಸಲೀಸು. ಸಿಗಡಿ, ಸ್ಕ್ವಿಡ್‌ನಂಥ ಕಡಲ ಜೀವಿಗಳಿಗೆ ಮಾತ್ರ ಆ ಉಪವಾಸದಲ್ಲಿ ಅನುಮತಿ ಇರುವುದರಿಂದ ಅದನ್ನು ವಿಚಾರಿಸಿಕೊಳ್ಳಬೇಕು. ನಮಗಾಗಿ ಚೀಸ್ ಹಾಕಿ ಮಾಡಿದ ‘ಅಲೆವ್ರೊಪಿತಾ’ವನ್ನು ಕಿರಿಯಾ ಒಂದು ಚೂರೂ ಬಾಯಿಗಿಡದೆ, ಬಣ್ಣ ನೋಡಿಯೇ ಒಲೆಯಿಂದ ತೆಗೆದರು. ನೈವೇದ್ಯದ ಅಡುಗೆಯನ್ನು ರುಚಿ ನೋಡದೆ ಮಾಡುವ ನಮ್ಮ ಅತ್ತೆಯವರ ನೆನಪಾಯಿತು.

ಆ ಅಲೆವ್ರೊಪಿತಾಕ್ಕೆ ಹಾಳೆಯೂ ಬೇಡ, ಕೋಲೂ ಬೇಡ. ಹಿಟ್ಟು, ನೀರು, ಮೊಟ್ಟೆ ಕಲಸಿದ ತೆಳು ಹಿಟ್ಟನ್ನು ಕಾದ ಎಣ್ಣೆಯ ತಟ್ಟೆಗೆ ಚುಂಯ್ ಎನ್ನುವಂತೆ ಹೊಯ್ದು, ಚೀಸ್ ಉದುರಿಸಿ, ಬೆಣ್ಣೆಯ ತುಣುಕುಗಳನ್ನಿಟ್ಟು ಜೋರು ಶಾಖದಲ್ಲಿ ಬೇಯಿಸಿದರೆ ಆಯಿತು. ನನ್ನ ಸಣ್ಣ ಒಟಿಜಿ ಓವನ್‌ನಲ್ಲಿ ಮೊದಲ ಪ್ರಯತ್ನಕ್ಕೇ ಬಂದದ್ದು ಇದೊಂದೇ.

ಮೂರನೆಯ ಆಯ್ಕೆಯಾಗಿ, ಗ್ರೀಸಿಗೆ ಹೋಗುವ ಮೊದಲು 1,800 ರೂಪಾಯಿ ಕೊಟ್ಟು ಒಂದು ಆನ್‌ಲೈನ್ ತರಗತಿಯನ್ನೂ ನೋಡಿದ್ದೆ. ಮತ್ತೆ ಮತ್ತೆ ನೋಡಬಹುದು ಎಂಬುದಷ್ಟೇ ಅದರ ಲಾಭ; ಕೈಯ ಭಾರ ಎಷ್ಟಿರಬೇಕೆಂದು ಪರದೆ ಹೇಳುವುದಿಲ್ಲ.

ಮನೆಯಲ್ಲಿ ಈಗ ನಡೆಯುತ್ತಿರುವುದು ಹೀಗೆ. ಬರೀ ಮೈದಾದ ಹಾಳೆ ಪದೇ ಪದೇ ಹರಿಯುತ್ತಿದ್ದುದರಿಂದ 400 ಗ್ರಾಂ ಮೈದಾಕ್ಕೆ 100 ಗ್ರಾಂ ಚಿರೋಟಿ ರವೆ ಸೇರಿಸಿ, ಅರ್ಧ ಗಂಟೆಯ ಬದಲು ಎರಡು ಗಂಟೆ ನೆನೆಯಲು ಬಿಡುತ್ತೇನೆ. ಮಳೆಗಾಲದಲ್ಲಿ ನೀರನ್ನು ಎರಡು ಚಮಚ ಕಡಿಮೆ ಮಾಡುತ್ತೇನೆ. ಕೋಲನ್ನು ಮರದಂಗಡಿಯಲ್ಲಿ 110 ರೂಪಾಯಿಗೆ ಕತ್ತರಿಸಿ ಉಜ್ಜಿಸಿಕೊಂಡೆ. 2002ರಿಂದ ಫೆಟಾ ಎಂಬ ಹೆಸರು ಯುರೋಪಿನ ಒಕ್ಕೂಟದಲ್ಲಿ ಗ್ರೀಸಿಗೇ ಮೀಸಲು, ಅದರಲ್ಲಿ ಕುರಿಹಾಲು ಕನಿಷ್ಠ ಶೇ 70ರಷ್ಟು ಇರಲೇಬೇಕು. ಅಂಥದ್ದು ನನ್ನ ಪಿಂಚಣಿಗೆ ನಿಲುಕುವುದು ಹಬ್ಬಕ್ಕೊಮ್ಮೆ. ಉಳಿದ ದಿನ ಪನೀರನ್ನು ಪುಡಿ ಮಾಡಿ, ಉಪ್ಪು ಮತ್ತು ಬಟ್ಟೆಯಲ್ಲಿ ಕಟ್ಟಿ ನೀರಿಳಿಸಿದ ಹುಳಿ ಮೊಸರು ಬೆರೆಸುತ್ತೇನೆ. ಫೆಟಾ ಆಗುವುದಿಲ್ಲ, ಆದರೆ ದಂಟು, ಪಾಲಕ್, ಸಬ್ಬಸಿಗೆಯ ಜೊತೆ ಕೆಟ್ಟದಾಗಿಯೂ ಇರುವುದಿಲ್ಲ.

ಗ್ರೀಸಿನಲ್ಲಿ ನಾಲ್ಕೇ ದಿನ ಇರುವವರು, ಮನೆಯಲ್ಲಿ ಲಟ್ಟಣಿಗೆ ಹಿಡಿಯುವ ರೂಢಿ ಇಲ್ಲದವರು, ಒಂದು ಸಂಜೆ ಹರಟುತ್ತ ಒಳ್ಳೆಯ ಊಟ ಬೇಕೆನ್ನುವವರು ಅಥೆನ್ಸಿನ ತರಗತಿಗೇ ಹೋಗಲಿ, ಅವರಿಗೆ ನಷ್ಟವೆನಿಸದು. ವಾರಕ್ಕೆ ಎರಡು ದಿನವಾದರೂ ಹಿಟ್ಟು ನಾದುವವರು, ನಾಲ್ಕು ಹಾಳೆ ಹರಿದರೂ ಐದನೆಯದಕ್ಕೆ ಕೈ ಹಾಕುವವರು ಬೆಟ್ಟ ಹತ್ತಲಿ; ಹಳ್ಳಿಗೆ ಬಸ್ ಬರುವ ದಿನವನ್ನು ಯೊಆನಿನಾದಲ್ಲೇ ವಿಚಾರಿಸಿಕೊಂಡು, ಆ ದಿನಕ್ಕೆ ತರಗತಿಯನ್ನು ಗೊತ್ತುಮಾಡಿಕೊಂಡರೆ ಟ್ಯಾಕ್ಸಿಯ ದುಡ್ಡು ಉಳಿಯುತ್ತದೆ. ಅಥೆನ್ಸಿನ ಏಪ್ರನ್ ಮಾತ್ರ ನಿಜಕ್ಕೂ ಚೆನ್ನಾಗಿದೆ, ಕೋಲು ಹಿಡಿದಾಗಲೆಲ್ಲ ಅದನ್ನೇ ಕಟ್ಟಿಕೊಳ್ಳುತ್ತೇನೆ.