ಬಾರ್ನ್ಸ್‌ಲಿ ಹುಡುಗನ ಮಾತು, ಪೀಣ್ಯದ ಹುಡುಗನ ಪಾರಿವಾಳ: ಕೆನ್ ಲೋಚ್ ಅವರ ‘ಕೆಸ್’ ಬ್ಲೂ-ರೇ

‘ಕೆಸ್’ ಸಿನಿಮಾದ ಬ್ಲೂ-ರೇ ಡಿಸ್ಕ್ ಹಾಕಿದ ಮೇಲೆ ಮೆನುವಿನಲ್ಲಿ ಎರಡು ಆಡಿಯೋ ಸಿಗುತ್ತವೆ. ಒಂದು, ಸಿನಿಮಾದ ಮೂಲ ಧ್ವನಿ. ಇಂಗ್ಲೆಂಡಿನ ಯಾರ್ಕ್‌ಶೈರ್ ಕಡೆಯ ಗಣಿ ಊರು ಬಾರ್ನ್ಸ್‌ಲಿಯ ಹುಡುಗರು ಆಡುವ ಮಾತು ಅದರಲ್ಲಿ ಹಾಗೇ ಇದೆ. ಇನ್ನೊಂದು, ಹೊರದೇಶದವರಿಗೆ ಅರ್ಥವಾಗಲಿ ಅಂತ ಆಮೇಲೆ ಡಬ್ ಮಾಡಿ ಸೇರಿಸಿದ್ದು. ದಯವಿಟ್ಟು ಮೊದಲನೆಯದನ್ನೇ ಇಟ್ಟುಕೊಂಡು ನೋಡಿ. ಅರ್ಥವಾಗದಿದ್ದರೆ ಇಂಗ್ಲಿಷ್ ಸಬ್‌ಟೈಟಲ್ ಹಾಕಿಕೊಳ್ಳಿ. ನಾನು ಇದನ್ನು ಮೊದಲೇ ಹೇಳುತ್ತಿರುವುದಕ್ಕೆ ಕಾರಣ ಇದೆ. ಆ ಕಾರಣ ನಮ್ಮ ಶಾಲೆಯಲ್ಲೇ ಇದೆ.

ನಾನು ಬೆಂಗಳೂರಿನ ಪೀಣ್ಯದ ಹತ್ತಿರ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಕನ್ನಡ ಟೀಚರ್. ಹತ್ತೊಂಬತ್ತು ವರ್ಷ ಆಯಿತು. ನಮ್ಮ ಮಕ್ಕಳ ಅಮ್ಮಂದಿರು ಹೆಚ್ಚಿನವರು ಗಾರ್ಮೆಂಟ್ಸ್‌ಗೆ ಹೋಗುತ್ತಾರೆ. ಅಪ್ಪಂದಿರು ಲೋಡಿಂಗ್, ಸೆಂಟ್ರಿಂಗ್, ಸೆಕ್ಯುರಿಟಿ, ಈಗೀಗ ಡೆಲಿವರಿ. ‘ಕೆಸ್’ 1969ರ ಸಿನಿಮಾ. ಅದನ್ನು ಮಾಡಿದ ಬ್ರಿಟಿಷ್ ನಿರ್ದೇಶಕ ಕೆನ್ ಲೋಚ್ ಅವರ ಹೆಸರು ಕೇಳಿದ್ದೆ, ಸಿನಿಮಾ ನೋಡಿರಲಿಲ್ಲ. ನನ್ನ ತಮ್ಮ ಅಮೆರಿಕದಿಂದ ಬರುವಾಗ ಕ್ರೈಟೀರಿಯನ್ ಕಂಪನಿಯ ಈ ಡಿಸ್ಕ್ ತಂದುಕೊಟ್ಟ. ಮುಖಬೆಲೆ 39.95 ಡಾಲರ್. ಅವನು ಅರ್ಧ ಬೆಲೆಯ ಸೇಲ್‌ನಲ್ಲಿ ತಗೊಂಡಿದ್ದ.

ಕೊಳ್ಳುವವರಿಗೆ ಒಂದು ಮುಖ್ಯವಾದ ವಿಷಯ. ಬ್ಲೂ-ರೇಗೆ ದೇಶಗಳನ್ನು ‘ರೀಜನ್’ ಅನ್ನುವ ಗುಂಪುಗಳಾಗಿ ಹಂಚಿದ್ದಾರೆ. ಆ ಲೆಕ್ಕದಲ್ಲಿ ಅಮೆರಿಕ ‘ಎ’ ರೀಜನ್, ನಮ್ಮ ದೇಶ ‘ಸಿ’ ರೀಜನ್. ಇಲ್ಲಿ ಕೊಂಡ ಮಾಮೂಲಿ ಪ್ಲೇಯರ್‌ನಲ್ಲಿ ಈ ಡಿಸ್ಕ್ ಓಡುವುದಿಲ್ಲ. ನಮ್ಮ ಮನೆಯ ಪ್ಲೇಯರ್ ಹಾಕಿದ ಕ್ಷಣವೇ ಕೈ ಎತ್ತಿತು. ಎರಡು ಶನಿವಾರ ಎಲೆಕ್ಟ್ರಾನಿಕ್ಸ್ ಅಂಗಡಿಗಳಿರುವ ಎಸ್.ಪಿ. ರೋಡ್ ಸುತ್ತಿ, ಎಲ್ಲಾ ರೀಜನ್‌ನ ಡಿಸ್ಕ್ ಓಡಿಸುವ ಒಂದು ಸೆಕೆಂಡ್ ಹ್ಯಾಂಡ್ ಪ್ಲೇಯರ್ ಹುಡುಕಿದೆ. 5,500 ರೂಪಾಯಿ ಆಯಿತು. ಅಂಗಡಿಯಲ್ಲೇ ಡಿಸ್ಕ್ ಹಾಕಿಸಿ, ಚಿತ್ರ ಬಂದ ಮೇಲೆ ದುಡ್ಡು ಕೊಟ್ಟೆ. ನೀವೂ ಹಾಗೇ ಮಾಡಿ. ಇಷ್ಟೆಲ್ಲಾ ಖರ್ಚು, ಓಡಾಟ ಒಂದು ಹಳೇ ಸಿನಿಮಾಕ್ಕೆ ಬೇಕಾ ಅಂತ ಮನೆಯವರು ಕೇಳಿದರು. ಬೇಕಿತ್ತು.

ಕಥೆ ಸಣ್ಣದು. ಬಿಲ್ಲಿ ಕ್ಯಾಸ್ಪರ್‌ಗೆ ಹದಿನೈದು ವರ್ಷ. ಅಪ್ಪ ಇಲ್ಲ. ಅಣ್ಣ ಜಡ್ ಕಲ್ಲಿದ್ದಲು ಗಣಿಗೆ ಇಳಿಯುತ್ತಾನೆ. ಶಾಲೆ ಮುಗಿದ ಮೇಲೆ ಬಿಲ್ಲಿಯೂ ಅಲ್ಲಿಗೇ ಹೋಗಬೇಕು ಅನ್ನುವುದು ಎಲ್ಲರ ಲೆಕ್ಕ. ಹುಡುಗ ಒಂದು ಚಾಣ ಹಕ್ಕಿಯ ಮರಿಯನ್ನು ಗೂಡಿನಿಂದ ತಂದು ಸಾಕುತ್ತಾನೆ. ಅದರ ಹೆಸರೇ ಕೆಸ್. ಲೈಬ್ರರಿಯಲ್ಲಿ ಹಕ್ಕಿ ಪಳಗಿಸುವ ಪುಸ್ತಕ ಕೊಡುವುದಿಲ್ಲ, ದೊಡ್ಡವರ ಸಹಿ ಬೇಕು ಅನ್ನುತ್ತಾರೆ. ಅಂಗಡಿಯಿಂದ ಕದಿಯುತ್ತಾನೆ. ಓದುತ್ತಾನೆ. ಶಾಲೆಯಲ್ಲಿ ಯಾರ ಕೈಗೂ ಸಿಗದ ಹುಡುಗ, ಕದ್ದ ಪುಸ್ತಕವನ್ನು ಅಕ್ಷರ ಅಕ್ಷರ ಬಿಡದೆ ಓದುತ್ತಾನೆ.

ಬ್ಯಾರಿ ಹೈನ್ಸ್ ಅವರ ಕಾದಂಬರಿ ಇದಕ್ಕೆ ಮೂಲ. ಹೈನ್ಸ್ ಆ ಸೀಮೆಯವರೇ. ಬಿಲ್ಲಿಯಾಗಿ ನಟಿಸಿದ ಡೇವಿಡ್ ಬ್ರಾಡ್ಲಿ ಅದೇ ಊರಿನ ಶಾಲೆಯ ಹುಡುಗ. ಫುಟ್‌ಬಾಲ್ ಆಡಿಸುವ ಒರಟು ಪಿ.ಟಿ. ಮೇಷ್ಟ್ರು ಬ್ರಯಾನ್ ಗ್ಲೋವರ್ ನಿಜವಾಗಿಯೂ ಮೇಷ್ಟ್ರಾಗಿದ್ದವರು. ಕ್ಯಾಮೆರಾ ಹಿಡಿದ ಕ್ರಿಸ್ ಮೆಂಗಿಸ್ ದೂರ ನಿಂತು, ಉದ್ದನೆಯ ಲೆನ್ಸ್‌ನಲ್ಲಿ ನೋಡುತ್ತಾರೆ. ಆ ಮಕ್ಕಳ ಮುಖದಲ್ಲಿ ಕ್ಯಾಮೆರಾ ಇದೆ ಅನ್ನುವ ಅಳುಕೇ ಇಲ್ಲ. ಜೊತೆಗಿರುವ ‘ಮೇಕಿಂಗ್ ಕೆಸ್’ ಸಾಕ್ಷ್ಯಚಿತ್ರದಲ್ಲಿ ಇದನ್ನು ಹೇಗೆ ಮಾಡಿದರು ಅಂತ ಮಾಡಿದವರ ಬಾಯಲ್ಲೇ ಕೇಳಬಹುದು. ಅದನ್ನೂ ಬಿಡದೆ ನೋಡಿ.

ಹೆಡ್‌ಮಾಸ್ಟರ್ ಕೋಣೆಯಲ್ಲಿ ಬೆತ್ತದ ಏಟು ಬೀಳುವ ಒಂದು ದೃಶ್ಯ ಇದೆ. ಸಿಗರೇಟು ಸೇದಿದ ಹುಡುಗರ ಸಾಲಿನಲ್ಲಿ ಒಬ್ಬ ಪುಟ್ಟ ಹುಡುಗ ನಿಂತಿದ್ದಾನೆ. ಅವನು ಬಂದಿದ್ದು ಯಾರೋ ಟೀಚರ್ ಹೇಳಿ ಕಳಿಸಿದ ಮಾತು ತಿಳಿಸಲು. ಬಾಯಿ ತೆರೆಯಲು ಅವನಿಗೆ ಅವಕಾಶವೇ ಸಿಗುವುದಿಲ್ಲ. ಅವನಿಗೂ ಏಟು. ಶೂಟಿಂಗ್‌ನಲ್ಲಿ ಮಕ್ಕಳಿಗೆ ನಿಜವಾಗಿಯೇ ಹೊಡೆಸಿದರು. ಆ ಪುಟ್ಟ ಹುಡುಗನ ಕಣ್ಣೀರು ನಿಜದ್ದು. ಲೋಚ್ ಅವರ ಮೇಲೆ ನನಗೆ ಎಷ್ಟೇ ಗೌರವ ಇದ್ದರೂ ಇದನ್ನು ನಾನು ಒಪ್ಪುವುದಿಲ್ಲ. ಮಕ್ಕಳ ಕೈ ಮಕ್ಕಳದೇ. ಸಿನಿಮಾ ಚೆನ್ನಾಗಿ ಬರಲಿ ಅಂತ ಹೊಡೆಯುವುದು ತಪ್ಪು.

ಈಗ ನಮ್ಮ ಹುಡುಗನ ವಿಷಯ. ಒಂಬತ್ತನೇ ಕ್ಲಾಸಿನವನು. ಅಪ್ಪ ಅಮ್ಮ ರಾಯಚೂರು ಕಡೆಯಿಂದ ಬಂದವರು. ಬಾಯಿ ಬಿಟ್ಟರೆ ಆ ಕಡೆಯ ಮಾತೇ ಬರುತ್ತದೆ. ಒಮ್ಮೆ ಮನೆಯ ಚಾವಣಿಗೆ ‘ಮಾಳಗಿ’ ಅಂದ. ಇಡೀ ಕ್ಲಾಸು ನಕ್ಕಿತು. ಅವತ್ತಿನಿಂದ ಅವನು ಕ್ಲಾಸಿನಲ್ಲಿ ಮಾತಾಡುವುದನ್ನೇ ಬಿಟ್ಟ. ಅವನ ನೋಟ್‌ಬುಕ್‌ನಲ್ಲಿ ‘ತಿಳೀತದ’ ಅಂತ ಇದ್ದಿದ್ದನ್ನು ಕೆಂಪು ಇಂಕಿನಲ್ಲಿ ‘ತಿಳಿಯುತ್ತದೆ’ ಅಂತ ತಿದ್ದಿದವಳು ನಾನೇ. ಅವನಿಗೆ ಪಾರಿವಾಳದ ಹುಚ್ಚು ಅಂತ ಗೊತ್ತಿತ್ತು. ಶೀಟ್ ಮನೆಯ ಮೇಲೆ ಹಣ್ಣಿನ ಡಬ್ಬಿಗಳನ್ನು ಜೋಡಿಸಿ ಗೂಡು ಮಾಡಿದ್ದಾನೆ. ಅದಕ್ಕೇ ಒಂದು ಭಾನುವಾರ ಅವನನ್ನೂ ಅವರ ಅಮ್ಮನನ್ನೂ ಸಿನಿಮಾ ನೋಡಲು ಮನೆಗೆ ಕರೆದೆ.

ಸಬ್‌ಟೈಟಲ್ ಇಂಗ್ಲಿಷ್‌ನಲ್ಲಿ ಮಾತ್ರ ಇದೆ. ಅವರಿಬ್ಬರಿಗೂ ಅದು ಆಗುವುದಿಲ್ಲ. ನಾನು ಪಕ್ಕದಲ್ಲಿ ಕೂತು ಕನ್ನಡದಲ್ಲಿ ಹೇಳುತ್ತಾ ಹೋದೆ. ಬೈಗುಳ ಬಂದ ಕಡೆ ಹಾರಿಸಿದೆ, ಅವನ ಅಮ್ಮ ಪಕ್ಕದಲ್ಲೇ ಇದ್ದರು. ಆದರೆ ಬಿಲ್ಲಿಯ ಬಾಯಿಗೆ ಯಾವ ಕನ್ನಡ ಹಾಕುವುದು? ಪಠ್ಯಪುಸ್ತಕದ ಕನ್ನಡ ಹಾಕಿದರೆ ಆ ಹುಡುಗ ಹುಡುಗನೇ ಅಲ್ಲ ಅನ್ನಿಸಿತು. ಆಗ ನನಗೆ ಆ ಎರಡನೇ ಆಡಿಯೋ ನೆನಪಾಯಿತು. ಅವರು ಅಲ್ಲಿ ಮಾಡಿದ್ದನ್ನೇ ನಾನು ಹತ್ತೊಂಬತ್ತು ವರ್ಷದಿಂದ ಕೆಂಪು ಇಂಕಿನಲ್ಲಿ ಮಾಡಿದ್ದೇನೆ.

ಸಿನಿಮಾದ ನಡುವೆ ಕ್ಲಾಸ್‌ರೂಮಿನ ದೃಶ್ಯ ಬರುತ್ತದೆ. ಫಾರ್ದಿಂಗ್ ಅನ್ನುವ ಮೇಷ್ಟ್ರು ಬಿಲ್ಲಿಯನ್ನು ಎಬ್ಬಿಸಿ ನಿಲ್ಲಿಸುತ್ತಾರೆ. ಹಕ್ಕಿಯ ಬಗ್ಗೆ ಹೇಳು ಅನ್ನುತ್ತಾರೆ. ಮೊದಮೊದಲು ತಡವರಿಸುತ್ತಾನೆ. ಆಮೇಲೆ ಹಕ್ಕಿಯ ಕಾಲಿಗೆ ಕಟ್ಟುವ ಚರ್ಮದ ಪಟ್ಟಿ, ಅದರ ಹೆಸರು, ಕೈಗವಸಿನ ಮೇಲೆ ಮಾಂಸ ಇಟ್ಟು ಕರೆಯುವುದು, ದಾರ ಬಿಚ್ಚಿ ಮೊದಲ ಸಲ ಹಾರಿಬಿಟ್ಟಾಗ ಎದೆ ಹೊಡೆದುಕೊಂಡಿದ್ದು, ಎಲ್ಲಾ ಹೇಳುತ್ತಾನೆ. ಫಾರ್ದಿಂಗ್ ಸುಮ್ನೆ ಕೇಳುತ್ತಾರೆ. ಅಲ್ಲಲ್ಲಿ ಒಂದೊಂದು ಪ್ರಶ್ನೆ, ಅಷ್ಟೇ. ಹುಡುಗನ ಉಚ್ಚಾರಣೆ ತಿದ್ದುವುದಿಲ್ಲ. ಆ ಪಾತ್ರ ಮಾಡಿದ ಕಾಲಿನ್ ವೆಲ್ಯಾಂಡ್ ಅವರೂ ಹಿಂದೆ ಮೇಷ್ಟ್ರಾಗಿದ್ದವರೇ. ಅವರು ಕೇಳಿಸಿಕೊಳ್ಳುವ ರೀತಿ ನೋಡಿದರೆ ಗೊತ್ತಾಗುತ್ತದೆ.

ನಾನು ಅಲ್ಲಿ ಸಿನಿಮಾ ನಿಲ್ಲಿಸಿ ನಮ್ಮ ಹುಡುಗನನ್ನು ಕೇಳಿದೆ, “ಪಾರಿವಾಳಕ್ಕೂ ಹೀಗೇನಾ?”

“ಇಲ್ರೀ ಮಿಸ್. ಪಾರಿವಾಳಕ್ಕ ಕಾಲಿಗೇನೂ ಕಟ್ಟಂಗಿಲ್ಲ. ಹೊಸಾ ಹಕ್ಕಿ ತಂದ್ರ ರೆಕ್ಕಿಗೆ ಟೇಪ್ ಸುತ್ತಿ ಮಾಳಗಿ ಮ್ಯಾಲ ಕುಂದ್ರಸಬೇಕ್ರಿ. ಸುತ್ತಮುತ್ತ ಎಲ್ಲಾ ನೋಡ್ಕೋಬೇಕು ಅದು. ಹದಿನೈದು ದಿನ ಆದ್ಮ್ಯಾಲ ಟೇಪ್ ಬಿಚ್ಚಿದ್ರ ಎಲ್ಲಿ ಬಿಟ್ರೂ ನಮ್ಮನಿಗೇ ಬರ್ತದ.”

ಒಂದು ವರ್ಷದಲ್ಲಿ ಅವನು ನನ್ನ ಮುಂದೆ ಅಷ್ಟು ಉದ್ದ ಮಾತಾಡಿದ್ದು ಅದೇ ಮೊದಲು. ಅವರ ಅಮ್ಮ ಬಾಯಿಗೆ ಸೆರಗು ಹಿಡಿದು ಅವನನ್ನೇ ನೋಡುತ್ತಿದ್ದರು.

ಲೋಚ್ ಅವರ ಐವತ್ತು ವರ್ಷಕ್ಕೂ ಜಾಸ್ತಿಯ ಕೆಲಸ ನಿಂತಿರುವುದು ಈ ಕೇಳಿಸಿಕೊಳ್ಳುವುದರ ಮೇಲೆ ಅಂತ ನನಗೆ ಅನ್ನಿಸುತ್ತದೆ. ಅವರು ಹುಟ್ಟಿದ್ದು 1936ರಲ್ಲಿ, ಇಂಗ್ಲೆಂಡಿನ ನನೀಟನ್ ಅನ್ನುವ ಊರಿನಲ್ಲಿ. ಅಪ್ಪ ಕಾರ್ಖಾನೆಯಲ್ಲಿ ಎಲೆಕ್ಟ್ರಿಷಿಯನ್. ಮಗ ಆಕ್ಸ್‌ಫರ್ಡ್‌ನಲ್ಲಿ ಕಾನೂನು ಓದಿ, ಬಿಬಿಸಿ ಸೇರಿ, 1966ರಲ್ಲಿ ‘ಕ್ಯಾಥಿ ಕಮ್ ಹೋಮ್’ ಅನ್ನುವ ಟಿವಿ ಚಿತ್ರ ಮಾಡಿದರು. ಈ ಡಿಸ್ಕಿನಲ್ಲಿ ಅದೂ ಪೂರ್ತಿ ಇದೆ. ನನ್ನ ಲೆಕ್ಕದಲ್ಲಿ ಕೊಟ್ಟ ದುಡ್ಡಿಗೆ ಇದೊಂದೇ ಸಾಕು. ಕ್ಯಾಥಿಯ ಗಂಡ ಲಾರಿ ಓಡಿಸುವವನು, ಅವನಿಗೆ ಅಪಘಾತ ಆಗುತ್ತದೆ. ಬಾಡಿಗೆ ಕಟ್ಟಲು ಆಗುವುದಿಲ್ಲ. ಮನೆಯಿಂದ ಮನೆಗೆ, ಅಲ್ಲಿಂದ ಗಾಡಿಮನೆಗೆ, ಅಲ್ಲಿಂದ ಗಂಡನನ್ನು ಒಳಗೆ ಬಿಡದ, ಮನೆಯಿಲ್ಲದವರ ಹಾಸ್ಟೆಲ್ಲಿಗೆ. ಕೊನೆಗೆ ರೈಲ್ವೆ ಸ್ಟೇಷನ್ನಿನಲ್ಲಿ ಅವಳ ಕೈಯಿಂದ ಮಕ್ಕಳನ್ನು ಕಿತ್ತುಕೊಳ್ಳುತ್ತಾರೆ. ಮಧ್ಯೆ ಮಧ್ಯೆ ಜನಸಾಮಾನ್ಯರ ದನಿಗಳು ಬರುತ್ತವೆ, ಬಾಡಿಗೆ ಎಷ್ಟು, ಎಷ್ಟು ವರ್ಷದಿಂದ ಮನೆಗೆ ಕಾಯುತ್ತಿದ್ದೇವೆ ಅಂತ. ಮೊದಲ ಸಲ ಪ್ರಸಾರವಾದಾಗ 1 ಕೋಟಿ 20 ಲಕ್ಷ ಜನ ನೋಡಿದರು. ಅಡ್ವಾನ್ಸ್ ಹೊಂದಿಸಲಾಗದೆ ವರ್ಷಕ್ಕೊಂದು ಮನೆ ಬದಲಿಸುವ, ಅದಕ್ಕೇ ಮಧ್ಯದಲ್ಲಿ ಟಿ.ಸಿ. ಕೇಳಲು ಬರುವ ಅಮ್ಮಂದಿರ ಮುಖ ನನಗೆ ಗೊತ್ತು. ಆ ಸ್ಟೇಷನ್ ದೃಶ್ಯವನ್ನು ನಾನು ಕೂತು ನೋಡಲು ಆಗಲಿಲ್ಲ, ಎದ್ದು ನಿಂತೆ.

ಇನ್ನೊಂದು ಎಕ್ಸ್‌ಟ್ರಾ ‘ಸೌತ್ ಬ್ಯಾಂಕ್ ಶೋ’ ಅನ್ನುವ ಟಿವಿ ಕಾರ್ಯಕ್ರಮ 1993ರಲ್ಲಿ ಲೋಚ್ ಅವರ ಮೇಲೆ ಮಾಡಿದ ಕಂತು. ಇದರ ಹಿಂದೆ ಒಂದು ಕಥೆ ಇದೆ. 1984ರ ಬ್ರಿಟನ್ನಿನ ಗಣಿ ಕಾರ್ಮಿಕರ ಮುಷ್ಕರದ ಹೊತ್ತಿನಲ್ಲಿ ಇದೇ ಕಾರ್ಯಕ್ರಮಕ್ಕಾಗಿ ಅವರು ಕಾರ್ಮಿಕರ ಹಾಡು, ಪದ್ಯಗಳ ಮೇಲೆ ಒಂದು ಸಾಕ್ಷ್ಯಚಿತ್ರ ಮಾಡಿದ್ದರು. ಮಾಡಿಸಿದವರೇ ಅದನ್ನು ಪ್ರಸಾರ ಮಾಡಲಿಲ್ಲ. ಕೊನೆಗೆ ಚಾನೆಲ್ 4 ಅನ್ನುವ ಬೇರೆ ಟಿವಿಯಲ್ಲಿ ಬಂತು. ನನಗೆ 2016ರ ಏಪ್ರಿಲ್ ನೆನಪಾಯಿತು. ಪಿಎಫ್ ದುಡ್ಡು ತೆಗೆಯುವ ನಿಯಮ ಬದಲಾಯಿಸಿದಾಗ ಗಾರ್ಮೆಂಟ್ಸ್ ಹೆಂಗಸರು ಬೆಂಗಳೂರಿನ ರಸ್ತೆಗಿಳಿದರು, ಕೇಂದ್ರ ಸರ್ಕಾರ ನಿಯಮ ವಾಪಸ್ ತಗೊಂಡಿತು. ಅವತ್ತು ನಮ್ಮ ಮನೆಯ ಟಿವಿಯಲ್ಲಿ ಮತ್ತೆ ಮತ್ತೆ ಬಂದಿದ್ದು ಉರಿಯುತ್ತಿದ್ದ ಬಸ್. ಆ ಹೆಂಗಸರಿಗೆ ಆ ದುಡ್ಡು ಯಾತಕ್ಕೆ ಬೇಕಿತ್ತು ಅಂತ ಅವರ ಬಾಯಿಂದ ನಾನು ಕೇಳಿದ್ದು ನಮ್ಮ ಶಾಲೆಯ ಪೋಷಕರ ಸಭೆಯಲ್ಲಿ. ಮಗಳ ಪಿಯುಸಿ ಫೀಸು, ಊರಿನ ಮನೆಯ ಸಾಲ.

ಈ ಡಿಸ್ಕ್ ಹಳೆಯ ಲೋಚ್ ಅವರನ್ನು ಮಾತ್ರ ಕೊಡುತ್ತದೆ. ಆಮೇಲಿನ ಕೆಲಸವನ್ನು ಬೇರೆಯಾಗಿಯೇ ಹುಡುಕಿಕೊಳ್ಳಬೇಕು. ಕಟ್ಟಡ ಕಾರ್ಮಿಕರ ‘ರಿಫ್-ರಾಫ್’ 1991ರದ್ದು, ಖಾಸಗಿಯವರ ಕೈಗೆ ಹೋದ ರೈಲ್ವೆಯ ಕೆಲಸಗಾರರ ‘ದಿ ನ್ಯಾವಿಗೇಟರ್ಸ್’ 2001ರದ್ದು. 2006ರಲ್ಲಿ ಮತ್ತು 2016ರಲ್ಲಿ ಕಾನ್ ಚಿತ್ರೋತ್ಸವದ ಅತಿ ದೊಡ್ಡ ಪ್ರಶಸ್ತಿ ಅವರಿಗೆ ಬಂತು. 2012ರಲ್ಲಿ ಇಟಲಿಯ ಟ್ಯೂರಿನ್ ಚಿತ್ರೋತ್ಸವದ ಪ್ರಶಸ್ತಿಯನ್ನು ಅವರು ಬೇಡ ಅಂದರು. ಅಲ್ಲಿನ ಸಿನಿಮಾ ಮ್ಯೂಸಿಯಂನಲ್ಲಿ ಗುತ್ತಿಗೆ ಮೇಲೆ ಕ್ಲೀನಿಂಗ್ ಮಾಡುವವರ ಸಂಬಳ ಕಡಿಮೆ ಮಾಡಿ, ಕೆಲವರನ್ನು ಕೆಲಸದಿಂದ ತೆಗೆದಿದ್ದರು ಅನ್ನುವುದೇ ಕಾರಣ. ಕಸ ಗುಡಿಸುವವರ ಪರವಾಗಿ ಪ್ರಶಸ್ತಿ ಬಿಟ್ಟವರು ಎಷ್ಟು ಜನ ಸಿಗುತ್ತಾರೆ ಹೇಳಿ.

ಮುಂದೆ ನೋಡುವುದಾದರೆ 2019ರ ‘ಸಾರಿ ವಿ ಮಿಸ್ಡ್ ಯೂ’ ನೋಡಿ. ಪಾರ್ಸೆಲ್ ಡೆಲಿವರಿ ಮಾಡುವ ಒಬ್ಬ ಅಪ್ಪನ ಕಥೆ. ಆ ಪಾತ್ರ ಮಾಡಿದ ಕ್ರಿಸ್ ಹಿಚನ್ ವರ್ಷಗಟ್ಟಲೆ ಪ್ಲಂಬರ್ ಕೆಲಸ ಮಾಡಿದವರು. ಹೊಸದಾಗಿ ಸೇರಿದ ದಿನ ಜೊತೆಯವನೊಬ್ಬ ಅವನ ಕೈಗೆ ಖಾಲಿ ಬಾಟಲಿ ಕೊಡುತ್ತಾನೆ. ಮೂತ್ರಕ್ಕೆ ನಿಲ್ಲಲೂ ಟೈಮ್ ಇರುವುದಿಲ್ಲ, ಅದಕ್ಕೆ. ನಮ್ಮ ರಾಜ್ಯದಲ್ಲಿ 2025ರಲ್ಲಿ ಗಿಗ್ ಕಾರ್ಮಿಕರಿಗೆ, ಅಂದರೆ ಆ್ಯಪ್ ಮೂಲಕ ಡೆಲಿವರಿಯಂಥ ಕೆಲಸ ಮಾಡುವವರಿಗೆ ಅಂತಲೇ ಕಾನೂನು ಬಂತು, ಒಳ್ಳೆಯದಾಯಿತು. ಆ ಬಾಟಲಿಯ ವಿಷಯ ನಮ್ಮ ಮಕ್ಕಳ ಅಪ್ಪಂದಿರನ್ನು ಕೇಳಿದರೆ ತಲೆ ತಗ್ಗಿಸುತ್ತಾರೆ.

ಭಾನುವಾರದ ಮಾತಿಗೆ ಬರುತ್ತೇನೆ. ‘ಕೆಸ್’ನ ಕೊನೆ ಕಷ್ಟ. ಮಕ್ಕಳಿಗೆ ತೋರಿಸುವವರು ಮೊದಲು ಒಬ್ಬರೇ ನೋಡಿಕೊಳ್ಳಿ. ಅಣ್ಣ ಆ ಹಕ್ಕಿಯನ್ನು ಕೊಂದು ಹಾಕುತ್ತಾನೆ. ಕಸದ ಡಬ್ಬಿಯಿಂದ ಅದನ್ನು ಎತ್ತಿಕೊಂಡು ಬಂದು ಬಿಲ್ಲಿ ಮಣ್ಣು ಮಾಡುತ್ತಾನೆ. ಅಲ್ಲಿಗೆ ಮುಗಿಯಿತು. ನಮ್ಮ ಹುಡುಗ ಅಳಲಿಲ್ಲ. ಟೀಪಾಯಿ ಮೇಲಿದ್ದ ಚುರುಮುರಿ ಹಾಗೇ ಇತ್ತು. ಸ್ವಲ್ಪ ಹೊತ್ತು ಬಿಟ್ಟು, ಆ ಕ್ಲಾಸಿನ ಜಾಗ ಇನ್ನೊಂದು ಸಲ ಹಾಕ್ರಿ ಅಂದ.

ಹಾಕಿದೆ. ಬಿಲ್ಲಿ ಎದ್ದು ನಿಂತ. ನಾನು ಕನ್ನಡದಲ್ಲಿ ಶುರು ಮಾಡಿದೆ. ಹುಡುಗ ಟಿವಿಯಿಂದ ಕಣ್ಣು ತೆಗೆಯದೆ ನನ್ನ ಕಡೆ ಕೈ ಅಡ್ಡ ಹಿಡಿದ.

“ನೀವ್ ಹೇಳಬ್ಯಾಡ್ರಿ ಮಿಸ್. ಅವ ಹೇಳೋದು ನನಗ ತಿಳೀತದ.”