ಅಲ್ಹಂಬ್ರಾ ಒಂದು ದಿನದ ಟೂರ್: ಗೈಡ್‌ಗೆ ಫುಲ್ ಮಾರ್ಕ್ಸ್, ಕಂಪನಿಗೆ ಜಸ್ಟ್ ಪಾಸ್

ಮೊದಲೇ ಹೇಳಿಬಿಡುತ್ತೇನೆ, ಸ್ಪೇನಿನ ಗ್ರನಾಡಾ ಊರಿನ ಬಗ್ಗೆ ನನ್ನದು ಒಂದೇ ಒಂದು ದೂರೂ ಇಲ್ಲ. ದೂರು ಇರುವುದು ನಮ್ಮನ್ನು ಅಲ್ಲಿಗೆ ಕರೆದುಕೊಂಡು ಹೋದ ಟೂರಿನ ಮೇಲೆ. ಅದೂ ಪೂರ್ತಿ ಅಲ್ಲ, ಅರ್ಧ.

ನಾನು ಮತ್ತು ನನ್ನ ಅಕ್ಕ ಸ್ಪೇನಿನ ದಕ್ಷಿಣ ಕರಾವಳಿಯ ಫುಯೆಂಗಿರೋಲಾದಲ್ಲಿ ಐದು ದಿನ ಇದ್ದೆವು. ಗ್ರನಾಡಾದ ಗುಡ್ಡದ ಮೇಲಿನ ಹಳೇ ಕೋಟೆ-ಅರಮನೆ ಅಲ್ಹಂಬ್ರಾ ನೋಡದೆ ವಾಪಸ್ ಹೋಗುವುದಿಲ್ಲ ಅಂತ ಅಕ್ಕನ ಹಠ. ಸರಿ, ಟಿಕೆಟ್ ತೆಗೆಯೋಣ ಅಂತ ಅಲ್ಹಂಬ್ರಾದ ಅಧಿಕೃತ ವೆಬ್‌ಸೈಟ್ ತೆರೆದರೆ ಆ ವಾರದ ಟಿಕೆಟ್ ಎಲ್ಲಾ ಮುಗಿದಿತ್ತು. ಕೊನೆಗೆ ಹೋಟೆಲ್ ಪಕ್ಕದ ಏಜೆನ್ಸಿಯಲ್ಲಿ ಗೈಡ್ ಇರುವ ಒಂದು ದಿನದ ಟೂರ್ ಬುಕ್ ಮಾಡಿದೆವು. ತಲಾ 89 ಯೂರೋ. ಬಸ್ಸು, ಪ್ರವೇಶದ ಟಿಕೆಟ್, ಇಂಗ್ಲಿಷ್ ಮಾತಾಡುವ ಗೈಡ್. ಊಟ ನಮ್ಮದೇ. ಅಲ್ಹಂಬ್ರಾದ ಟಿಕೆಟ್ ಇಪ್ಪತ್ತು ಯೂರೋ ಆಸುಪಾಸು, ಹಾಗಾಗಿ ಮಿಕ್ಕಿದ್ದೆಲ್ಲ ಬಸ್ಸಿಗೆ, ಗೈಡಿಗೆ ಮತ್ತು ಕೊನೇ ಗಳಿಗೆಯಲ್ಲಿ ಎಚ್ಚೆತ್ತ ನಮ್ಮ ಸೋಮಾರಿತನಕ್ಕೆ ಕೊಟ್ಟ ದುಡ್ಡು.

ಬೆಳಿಗ್ಗೆ 7ಕ್ಕೆ ಬಸ್ಸು ಬಂತು. ನಾವೇ ಮೊದಲ ಸ್ಟಾಪ್. ಮುಂದಿನ ಸೀಟು ಸಿಕ್ಕಿತು ಅಂತ ಖುಷಿಪಟ್ಟಿದ್ದು ಹತ್ತೇ ನಿಮಿಷ. ಆಮೇಲೆ ಒಂದೊಂದೇ ಹೋಟೆಲ್ ಮುಂದೆ ನಿಲ್ಲುತ್ತಾ, ಬೆನಾಲ್ಮಾದೆನಾ, ಟೊರೆಮೊಲಿನೋಸ್, ಮಾಲಗಾ ಅಂತ ಸುತ್ತುತ್ತಾ, ಎಲ್ಲೋ ಒಬ್ಬರು ಮೇಲಿನ ರೂಮಿನಲ್ಲಿ ಟೋಪಿ ಮರೆತು ಬಂದು ಮತ್ತೆ ಓಡಿ, ಅವರಿಗಾಗಿ ಕಾದು, ಮಾಲಗಾ ದಾಟುವಷ್ಟರಲ್ಲಿ 8.40 ಆಗಿತ್ತು. ಮಾಲಗಾದಿಂದ ಗ್ರನಾಡಾ 130 ಕಿ.ಮೀ. ಒಳಗೇ, ನೇರ ಹೋದರೆ ಒಂದೂವರೆ ಗಂಟೆ ದಾರಿ. ನಾವು ಮಧ್ಯೆ ಕಾಫಿಗೆ ಅರ್ಧ ಗಂಟೆ ನಿಂತೆವು. ಎರಡೂ ಕಡೆ ಗುಡ್ಡದ ಮೇಲೆ ಆಲಿವ್ ಮರಗಳು, ಬಾಚಿದ ತಲೆ ಹಾಗೆ ಸಾಲು ಸಾಲು. ಅದು ಚೆನ್ನಾಗಿತ್ತು.

ಗ್ರನಾಡಾ ಹತ್ತಿರ ಬಂದ ಮೇಲೆ ಬಸ್ಸು ಅಲ್ಹಂಬ್ರಾಗೆ ಹೋಗಲಿಲ್ಲ. ಒಂದು ಅಂಗಡಿಗೆ ಹೋಯಿತು. ಮರದಲ್ಲಿ ಮರ, ಮೂಳೆ, ಚಿಪ್ಪು ಕೂರಿಸಿ ಮಾಡುವ ಕೆತ್ತನೆ ಕೆಲಸ, ಅಲ್ಲಿಯವರು ತಾರಾಸೆಯಾ ಅನ್ನುತ್ತಾರೆ. ಕೆಲಸ ನಿಜವಾಗಲೂ ಸುಂದರ, ಸುಳ್ಳು ಹೇಳುವುದಿಲ್ಲ. ಆದರೆ ಐದು ನಿಮಿಷ ಕೆಲಸ ತೋರಿಸಿ ಮೂವತ್ತು ನಿಮಿಷ ಕೌಂಟರ್ ಮುಂದೆ ನಿಲ್ಲಿಸಿದರು. ಇದು ನಮಗೆ ಕೊಟ್ಟ ಕಾಗದದಲ್ಲಿ ಎಲ್ಲೂ ಇರಲಿಲ್ಲ. ಅಕ್ಕ ಒಂದು ಪುಟ್ಟ ಡಬ್ಬಿ ತಗೊಂಡಳು. “ಸುಮ್ನೆ ನಿಂತರೆ ಅವರಿಗೂ ಬೇಜಾರು, ನಮಗೂ ಬೇಜಾರು ಕಣೋ” ಅಂದಳು.

ಇನ್ನು ಗೈಡ್. ನಲವತ್ತೈದರ ಆಸುಪಾಸಿನ ಹೆಂಗಸು, ಹುಟ್ಟಿ ಬೆಳೆದದ್ದೆಲ್ಲ ಗ್ರನಾಡಾದಲ್ಲೇ. ಗುಂಪಿಗೆ ದಾರಿ ತಪ್ಪದಿರಲಿ ಅಂತ ಎಲ್ಲರೂ ಕೊಡೆ, ಬಾವುಟ ಎತ್ತಿ ಹಿಡಿದರೆ ಇವರು ಕೆಂಪು ದಾರ ಕಟ್ಟಿದ ಒಂದು ಮರದ ಸೌಟು ಎತ್ತಿಕೊಂಡು ನಡೆದರು. ನಮ್ಮ ಕಿವಿಗೆ ಹೆಡ್‌ಫೋನ್, ಅವರ ಕುತ್ತಿಗೆಗೆ ಮೈಕ್. ಬಸ್ಸಿನಿಂದ ಇಳಿಯುವ ಮುಂಚೆಯೇ ನಮ್ಮ ಕೈಯಲ್ಲಿದ್ದ ಕಾಗದದ ಮೇಲಿನ ‘ಮೂರ್‌ಗಳ (Moors) ನಗರ’ ಅನ್ನುವ ಮಾತಿಗೆ ಕೈ ಹಾಕಿದರು. ಮೂರ್‌ಗಳು ಅನ್ನುವುದು ಇಲ್ಲಿ ಆಳಿದ ಮುಸ್ಲಿಮರನ್ನು ಬೇರೆಯವರು ಕರೆದ ಹೆಸರು, ಅವರು ತಮ್ಮನ್ನು ಹಾಗೆ ಕರೆದುಕೊಳ್ಳಲಿಲ್ಲ, ತಮ್ಮ ನಾಡನ್ನು ಅಲ್-ಅಂದಲುಸ್ ಅನ್ನುತ್ತಿದ್ದರು ಅಂತ. 711ರಲ್ಲಿ ಉತ್ತರ ಆಫ್ರಿಕಾದಿಂದ ಬಂದ ಸೈನ್ಯದಿಂದ ಶುರುವಾದ ಕಥೆ 1492ರ ಜನವರಿ 2ರಂದು ಗ್ರನಾಡಾದ ಬೀಗದ ಕೈ ಕ್ರೈಸ್ತ ರಾಣಿ ಇಸಾಬೆಲ್ಲಾ ಮತ್ತು ಅವಳ ಗಂಡ ರಾಜ ಫರ್ಡಿನಾಂಡ್ ಕೈಗೆ ಸೇರುವವರೆಗೆ, ಎಂಟು ನಿಮಿಷದಲ್ಲಿ, ಒಂದು ಚೀಟಿಯನ್ನೂ ನೋಡದೆ ಹೇಳಿದರು.

ಗೇಟಿನಲ್ಲಿ ನಮ್ಮದೇ ಒಂದು ತಮಾಷೆ ಆಯಿತು. ಇಲ್ಲಿನ ಟಿಕೆಟ್ ಮೇಲೆ ಹೆಸರು ಇರುತ್ತದೆ, ಪಾಸ್‌ಪೋರ್ಟ್ ಜೊತೆ ತಾಳೆ ನೋಡುತ್ತಾರೆ. ಅಕ್ಕನ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ. ಏಜೆನ್ಸಿಯವರ ಕಂಪ್ಯೂಟರ್ ಖಾಲಿ ಬಿಡಲು ಒಪ್ಪದೆ ಅವಳ ಹೆಸರನ್ನೇ ಎರಡು ಸಲ ಹಾಕಿತ್ತು. ಬಾಗಿಲಲ್ಲಿದ್ದವನು ಪಾಸ್‌ಪೋರ್ಟ್ ನೋಡಿದ, ಟಿಕೆಟ್ ನೋಡಿದ, ಅಕ್ಕನನ್ನು ನೋಡಿದ. ಇಬ್ಬರು ಬರಬೇಕಿತ್ತಾ ಅನ್ನುವ ಹಾಗೆ. ಗೈಡ್ ಸೌಟು ಕಂಕುಳಲ್ಲಿ ಸಿಕ್ಕಿಸಿಕೊಂಡು ಹೋಗಿ ಪಟಪಟ ಅಂತ ಏನೋ ಹೇಳಿದರು, ಬಿಟ್ಟ. ನಮ್ಮ ಕಡೆ ಎಷ್ಟೋ ಜನರಿಗೆ ಸರ್‌ನೇಮ್ ಇರುವುದಿಲ್ಲ ಅಲ್ವಾ, ಬುಕ್ ಮಾಡುವಾಗಲೇ ಕೇಳಿ ಸರಿ ಮಾಡಿಸಿಕೊಳ್ಳಿ. ನಮ್ಮ ಬಸ್ಸಿನಲ್ಲಿ ಇನ್ನೊಂದು ಜೋಡಿ ಪಾಸ್‌ಪೋರ್ಟ್ ಹೋಟೆಲಿನಲ್ಲಿ ಬಿಟ್ಟು ಬರೀ ಫೋನಿನಲ್ಲಿ ಫೋಟೋ ತಂದಿತ್ತು. ಅವರ ಮುಖ ನೋಡಲಾಗುತ್ತಿರಲಿಲ್ಲ. ಕೊನೆಗೆ ಒಳಗೆ ಬಿಟ್ಟರು, ಆದರೆ ಆ ಹದಿನೈದು ನಿಮಿಷ ಎಲ್ಲರದ್ದೂ ಹೋಯಿತು. ಏಜೆನ್ಸಿಯವರು ಮುಂಚೆ ಒಂದು ಮಾತು ಗಟ್ಟಿಯಾಗಿ ಹೇಳಿದ್ದರೆ ಸಾಕಿತ್ತು.

ಮೊದಲು ಹೆನೆರಲೀಫೆ ತೋಟ. ಗ್ರನಾಡಾ ಆಳಿದ ಕೊನೆಯ ಮುಸ್ಲಿಂ ಮನೆತನವಾದ ನಸ್ರಿದ್ ಸುಲ್ತಾನರು ಬೇಸಿಗೆಯಲ್ಲಿ ತಂಪಿಗೆ ಬಂದು ಇರುತ್ತಿದ್ದ ಜಾಗ. ಇಲ್ಲಿ ನಮ್ಮ ಗೈಡ್ ಹೂವಿನ ಬಗ್ಗೆ ಮಾತೇ ಆಡಲಿಲ್ಲ, ನೀರಿನ ಬಗ್ಗೆ ಆಡಿದರು. ಕೋಟೆ ಇರುವುದು ಗುಡ್ಡದ ಮೇಲೆ, ದಾರ್ರೋ ನದಿ ಇರುವುದು ಕೆಳಗೆ. ಪಂಪ್ ಇಲ್ಲದ ಕಾಲದಲ್ಲಿ ನೀರು ಮೇಲೆ ಹೇಗೆ ಬಂತು? ನದಿಯ ಹರಿವಿನಲ್ಲಿ ಸುಮಾರು ಆರು ಕಿ.ಮೀ. ಹಿಂದೆ ಹೋಗಿ, ನದಿಯೇ ಎತ್ತರದಲ್ಲಿರುವ ಕಡೆ ಒಡ್ಡು ಹಾಕಿ, ಅಲ್ಲಿಂದ ಗುಡ್ಡದ ಮೈಗುಂಟ ಸ್ವಲ್ಪ ಸ್ವಲ್ಪವೇ ಇಳಿಜಾರು ಕೊಟ್ಟು ಕಾಲುವೆ ತಂದರು. ಅದರ ಸ್ಪ್ಯಾನಿಷ್ ಹೆಸರು ಅಸೆಕಿಯಾ ರೆಯಾಲ್. ಅಚ್ಚುಕಟ್ಟಾಗಿ ಕನ್ನಡದಲ್ಲಿ ಹೇಳಿದರೆ ರಾಜಕಾಲುವೆ! ಮೇಲಿನ ತೋಟದಲ್ಲಿ ಒಂದು ಮೆಟ್ಟಿಲ ಸಾಲಿದೆ, ಅದರ ಎರಡೂ ಬದಿಯ ಕೈಗೋಡೆಯ ಮೇಲೆ ತೋಡು ಕೊರೆದು ನೀರು ಹರಿಸಿದ್ದಾರೆ. ಹತ್ತುವಾಗ ಹಿಡಿದುಕೊಳ್ಳುವ ಜಾಗದಲ್ಲೇ ನೀರು. ಮಂಡಿನೋವಿನ ಅಕ್ಕ ಮೊದಲ ಮೆಟ್ಟಿಲಲ್ಲೇ ನಿಂತು ಮೊಣಕೈವರೆಗೆ ಕೈ ಅದ್ದಿ “ಇದೊಂದಕ್ಕೇ ದುಡ್ಡು ವಸೂಲಾಯ್ತು ಬಿಡು” ಅಂದಳು.

ಆಮೇಲೆ ನಸ್ರಿದ್ ಅರಮನೆಗಳು. ಇದಕ್ಕೆ ಮಾತ್ರ ಟಿಕೆಟ್ ಮೇಲೆ ಗಂಟೆ ನಮೂದಾಗಿರುತ್ತದೆ, ತಡವಾದರೆ ಒಳಗೆ ಬಿಡುವುದಿಲ್ಲ. ನಮ್ಮದು 1.30. ಗೋಡೆಯ ಕೆಳಭಾಗ ಬಣ್ಣದ ಹೆಂಚಿನ ಚೂರುಗಳು, ಅದರ ಮೇಲೆ ಲೇಸ್ ಹಾಗೆ ಕೊರೆದ ಗಾರೆ, ಮೇಲೆ ಮರದ ಸೂರು. ಫೋಟೋದಲ್ಲಿ ಎಲ್ಲಾ ತಿಳಿ ಕಂದು ಬಣ್ಣ ಕಾಣುತ್ತದೆ. ಗೈಡ್ ಒಂದು ಮೂಲೆಗೆ ಟಾರ್ಚ್ ಬಿಟ್ಟು ತೋರಿಸಿದ ಮೇಲೆ ಗೊತ್ತಾಯಿತು, ಗಾರೆಯ ಸಂದಿಯಲ್ಲಿ ಇನ್ನೂ ಗಾಢ ನೀಲಿ ಉಳಿದಿದೆ, ಉಗುರಿನಷ್ಟು. ಒಂದು ಕಾಲಕ್ಕೆ ಇದೆಲ್ಲಾ ಬಣ್ಣ ಬಣ್ಣವಾಗಿತ್ತಂತೆ.

ಗೋಡೆ ಮೇಲೆ ಒಂದೇ ಸಾಲು ಮತ್ತೆ ಮತ್ತೆ ಬರುತ್ತದೆ. ‘ದೇವರ ಹೊರತು ಗೆಲ್ಲುವವನಿಲ್ಲ’ ಅಂತ, ಅರಬ್ಬಿಯಲ್ಲಿ. ನಸ್ರಿದರ ಧ್ಯೇಯವಾಕ್ಯ. ಗೈಡ್ ಅದರ ಆಕಾರ ಗುರುತು ಹಿಡಿಯುವುದನ್ನು ಕಲಿಸಿದರು, ಉದ್ದನೆ ಗೆರೆಗಳು ಎಲ್ಲಿ ಮೇಲೇಳುತ್ತವೆ ನೋಡಿ ಅಂತ. ಅಕ್ಕ ಎಣಿಸಲು ಶುರು ಮಾಡಿದಳು.

ಸಿಂಹಗಳ ಅಂಗಳ ಐದನೇ ಮುಹಮ್ಮದ್ 14ನೇ ಶತಮಾನದಲ್ಲಿ ಕಟ್ಟಿಸಿದ್ದು. ಹನ್ನೆರಡು ಅಮೃತಶಿಲೆ ಸಿಂಹಗಳು, ಒಂದರ ಹಾಗೆ ಇನ್ನೊಂದಿಲ್ಲ. ನನಗೆ ಕಂಡದ್ದು ಸಿಂಹಕ್ಕಿಂತ ಸಾಧು ನಾಯಿಮರಿ. ಮೇಲಿನ ಬೋಗುಣಿಯ ಅಂಚಿನಲ್ಲಿ ಇಬ್ನ್ ಜಮ್ರಕ್ ಅನ್ನುವ ಆಸ್ಥಾನ ಕವಿಯ ಪದ್ಯ ಕೆತ್ತಿದೆ. ನೀರೂ ಕಲ್ಲೂ ಒಂದೇ ಥರ ಕಾಣುತ್ತವೆ, ಹರಿಯುತ್ತಿರುವುದು ಯಾವುದು ಅಂತಲೇ ತಿಳಿಯದು ಅನ್ನುವ ಅರ್ಥ. ಅದನ್ನು ಕೇಳಿ ಬೋಗುಣಿ ಕಡೆ ನೋಡಿದರೆ ಹೌದಲ್ಲ ಅನ್ನಿಸಿತು. ಇನ್ನೆರಡು ನಿಮಿಷ ನೋಡೋಣ ಅನ್ನುವಷ್ಟರಲ್ಲಿ ಸೌಟು ಮುಂದಿನ ಬಾಗಿಲಲ್ಲಿತ್ತು. ಪಕ್ಕದ ಅಬೆನ್ಸೆರಾಹೆಸ್ ಕೋಣೆಯ ಕಾರಂಜಿಯಲ್ಲಿ ಕೆಂಪು ಕಲೆ ಇದೆ, ಕೊಲೆಯಾದವರ ರಕ್ತ ಅಂತ ಕಥೆ. ಗೈಡ್ “ಕಬ್ಬಿಣದ ತುಕ್ಕು, ಬನ್ನಿ” ಅಂದು ಮುಗಿಸಿಬಿಟ್ಟರು.

ನನ್ನ ನಿಜವಾದ ತಕರಾರು ಇಲ್ಲೇ ಇರುವುದು. ಗಂಟೆಯ ನಿಯಮ ಒಳಗೆ ಹೋಗುವುದಕ್ಕೆ ಮಾತ್ರ. ಒಳಗೆ ಹೋದ ಮೇಲೆ ನಿಧಾನವಾಗಿ ಇರಬಹುದು, ಯಾರೂ ಓಡಿಸುವುದಿಲ್ಲ. ಇದನ್ನು ಹೇಳಿದ್ದು ನಮ್ಮ ಗೈಡೇ. ಓಡಿಸುತ್ತಿದ್ದುದು ನಮ್ಮ ಬಸ್ಸು. ಎಷರ್ ಅನ್ನುವ ಡಚ್ ಕಲಾವಿದ 1922ರಲ್ಲಿ ಒಮ್ಮೆ ಬಂದು, ಸಾಲದು ಅಂತ 1936ರಲ್ಲಿ ಮತ್ತೆ ಬಂದು ಹೆಂಡತಿ ಜೊತೆ ದಿನಗಟ್ಟಲೆ ಕೂತು ಈ ಹೆಂಚಿನ ವಿನ್ಯಾಸಗಳನ್ನು ಬರೆದುಕೊಂಡು ಹೋದನಂತೆ. ನಮಗೆ ಮೂರೂ ಅರಮನೆ ಸೇರಿ ಸಿಕ್ಕಿದ್ದು 50 ನಿಮಿಷ. ಅಂಗಡಿಯಲ್ಲಿ ಕಳೆದಿದ್ದು 35. ಲೆಕ್ಕ ನೀವೇ ಹಾಕಿ.

ಹೊರಗೆ ಚಕ್ರವರ್ತಿ ಐದನೇ ಚಾರ್ಲ್ಸ್‌ನ ಅರಮನೆ. ಹೊರಗಿನಿಂದ ಚೌಕ, ಒಳಗೆ ಹೋದರೆ ದುಂಡನೆ ಅಂಗಳ. 1527ರಲ್ಲಿ ಶುರುವಾದ ಕಟ್ಟಡಕ್ಕೆ ಸೂರು ಪೂರ್ತಿಯಾಗಿದ್ದು 20ನೇ ಶತಮಾನದಲ್ಲಿ. ಆತ ಅಲ್ಲಿ ಒಂದು ದಿನವೂ ವಾಸ ಮಾಡಲಿಲ್ಲ. “ಮನೆ ಕಟ್ಟಿ ನೋಡು ಅಂತ ಸುಮ್ನೆ ಹೇಳಿದ್ದಾರಾ” ಅಂದಳು ಅಕ್ಕ. ಆಲ್ಕಸಾಬಾ ಕೋಟೆ ನಮ್ಮ ಟಿಕೆಟ್‌ನಲ್ಲೇ ಇತ್ತು, ಆದರೆ ಟೈಮ್ ಇಲ್ಲ ಅಂತ ಬಿಟ್ಟರು. ದೂರದಿಂದ ಬೆರಳು ತೋರಿಸಿದ್ದಷ್ಟೇ. ದುಡ್ಡು ಕೊಟ್ಟು ಬೆರಳು ನೋಡಿದ ಹಾಗಾಯಿತು.

ಊರಿನಲ್ಲಿ ಊಟಕ್ಕೂ ಸುತ್ತಾಟಕ್ಕೂ ಸೇರಿ ಒಂದೂವರೆ ಗಂಟೆ. ಗ್ರನಾಡಾದಲ್ಲಿ ಕುಡಿಯಲು ಏನಾದರೂ ಹೇಳಿದರೆ ಜೊತೆಗೆ ಒಂದು ತಟ್ಟೆ ತಾಪಾಸ್ ಪುಕ್ಕಟೆ ಬರುತ್ತದೆ, ಆದರೆ ಏನು ಬರುತ್ತದೆ ಅನ್ನುವುದು ಅಂಗಡಿಯವನ ಇಷ್ಟ. ಸಸ್ಯಾಹಾರಿಗಳು ಬರೀ ‘ಮಾಂಸ ಬೇಡ’ ಅಂದರೆ ಸಾಲದು, ಹ್ಯಾಮ್ ಬೇಡ, ಮೀನೂ ಬೇಡ ಅಂತ ಬಿಡಿಸಿ ಹೇಳಿ. ನಮಗೆ ಮೊದಲು ಬಂದ ತಟ್ಟೆಯಲ್ಲಿ ಟ್ಯೂನಾ ಇತ್ತು. ಆಮೇಲೆ ಬದನೆಕಾಯಿ ಕರಿದು ಮೇಲೆ ಕಬ್ಬಿನ ಕಾಕಂಬಿ ಹಾಕಿದ್ದು ತರಿಸಿದೆವು. ಬದನೆಗೆ ಬೆಲ್ಲದ ರುಚಿ ಅಂದರೆ ನಾನು ಮೂಗು ಮುರಿದಿದ್ದೆ, ಎರಡನೇ ತಟ್ಟೆ ಹೇಳಿದ್ದೂ ನಾನೇ. ಇಸಾಬೆಲ್ಲಾ, ಫರ್ಡಿನಾಂಡ್ ಸಮಾಧಿ ಇರುವ ಕಪೀಯಾ ರೆಯಾಲ್ ಅನ್ನುವ ಪ್ರಾರ್ಥನಾ ಮಂದಿರ ಹೊರಗಿನಿಂದ ನೋಡಿದೆವು. ಹಳೇ ಬಡಾವಣೆ ಆಲ್ಬೈಸಿನ್ ಬೀದಿಗಳಿಗೆ ದೊಡ್ಡ ಬಸ್ಸು ಹೋಗುವುದಿಲ್ಲ, ನಡೆಯಲು ಅಕ್ಕನ ಮಂಡಿ ಒಪ್ಪಲಿಲ್ಲ. ಅಲ್ಲಿನ ಸಾನ್ ನಿಕೋಲಾಸ್ ಕಟ್ಟೆಯಿಂದ ಇಡೀ ಅಲ್ಹಂಬ್ರಾ, ಹಿಂದೆ ಸಿಯೆರಾ ನೆವಾಡಾ ಬೆಟ್ಟ ಕಾಣುತ್ತದೆ. ಟೂರಿನ ಕಾಗದದ ಮೇಲೆ ಹಾಕಿದ್ದ ದೊಡ್ಡ ಫೋಟೋ ಅಲ್ಲಿಂದ ತೆಗೆದಿದ್ದೇ. ಅಲ್ಲಿಗೆ ಟೂರು ಹೋಗುವುದೇ ಇಲ್ಲ! ಇದು ಸರಿಯಲ್ಲ ಅಂತ ಮಾಲಗಾಗೆ ವಾಪಸ್ ಬರುವಾಗ ಬಸ್ಸಿನಲ್ಲಿ ಫಾರ್ಮ್ ಕೊಟ್ಟಾಗಲೂ ಬರೆದೆ.

ಒಟ್ಟು 5ಕ್ಕೆ 3. ಗೈಡ್ ಒಬ್ಬರಿಗೇ ಆದರೆ ಐದಕ್ಕೆ ಐದು. ಬಸ್ಸಿನಲ್ಲಿ ಟಿಪ್ ಕೊಡುವಾಗ ಅಕ್ಕ ಅವರ ಸೌಟು ಮುಟ್ಟಿ ನೋಡಿ, ಒಲೆ ಮೇಲೆ ಇಟ್ಟಿದ್ದೀರಾ ಅಂತ ಕೇಳಿದಳು. ಭಾನುವಾರ ಮಾತ್ರ ಅಂದರು.

ಹೋಗುವವರಿಗೆ ನಾನು ಹೇಳುವುದಿಷ್ಟು. ಟಿಕೆಟ್ ಸಿಕ್ಕರೆ ನೀವೇ ತಗೊಳ್ಳಿ, ಎಷ್ಟು ಮುಂಚೆ ಆದರೆ ಅಷ್ಟು ಒಳ್ಳೆಯದು. ಮಾಲಗಾದಿಂದ ಗ್ರನಾಡಾಗೆ ಮಾಮೂಲಿ ಬಸ್ಸುಗಳಿವೆ, ಒಂದು ರಾತ್ರಿ ಅಲ್ಲೇ ಉಳಿಯಿರಿ. ಗೈಡ್ ಬೇಕೇ ಬೇಕು, ಇಲ್ಲದಿದ್ದರೆ ಆ ಗೋಡೆಗಳು ಬರೀ ಚಂದದ ಗೋಡೆಗಳು. ಅಲ್ಹಂಬ್ರಾದೊಳಗೆ ಮಾತ್ರ ಗೈಡ್ ಮಾಡಿಕೊಂಡು, ಅವರು ಹೋದ ಮೇಲೆ ನಿಮ್ಮ ಪಾಡಿಗೆ ನೀವು ಸಿಂಹಗಳ ಮುಂದೆ ನಿಲ್ಲಬಹುದು. ನಮ್ಮ ಹಾಗೆ ಟಿಕೆಟ್ ಸಿಗದೆ ಇಂಥ ಟೂರೇ ಗತಿಯಾದರೆ ಬುಕ್ ಮಾಡುವ ಮುಂಚೆ ಮೂರು ಪ್ರಶ್ನೆ ಕೇಳಿ: ನಸ್ರಿದ್ ಅರಮನೆಗಳ ಒಳಗೆ ಹೋಗುತ್ತೀರಾ, ಆಲ್ಕಸಾಬಾಗೆ ಹೋಗುತ್ತೀರಾ, ಅಂಗಡಿಗೆ ಹೋಗುತ್ತೀರಾ. ಮಂಡಿನೋವು ಇದ್ದವರು ಗಟ್ಟಿ ಶೂ ಹಾಕಿಕೊಳ್ಳಿ, ನೆಲವೆಲ್ಲ ಉರುಟು ಕಲ್ಲು, ಏರು ಜಾಸ್ತಿ. ಪಾಸ್‌ಪೋರ್ಟ್ ಜೇಬಿನಲ್ಲೇ ಇರಲಿ.

ಅಕ್ಕನ ಲೆಕ್ಕ 47ಕ್ಕೆ ತಪ್ಪಿತಂತೆ. ನಾನು ಫೋಟೋ ತೆಗೆಯಲು ಅವಳನ್ನು ಕರೆದದ್ದೇ ಕಾರಣವಂತೆ.